ಸೋದರಮಾವನ ಸೊಂಟ

ಮದುವೆಗೆ ಮುಂಚೆ ನಿದ್ದೆಗೆಡುವ ಹಕ್ಕು ಮದುಮಕ್ಕಳಿಗೆ ಉಂಟು. ಸಾಲ ಮಾಡಿದ ಅಪ್ಪನಿಗೆ ಉಂಟು. ಒಡವೆಯನ್ನು ಎಣಿಸಿ ಬೀರುವಿನಲ್ಲಿಟ್ಟು, ಮತ್ತೆ ತೆಗೆದು ಎಣಿಸುವ ಅಮ್ಮನಿಗಂತೂ ಇದ್ದೇ ಇದೆ. ನಡುವೆ ಸೋದರಮಾವನಿಗೇನು ಬಂತು ರೋಗ? ನನ್ನ ಹೆಂಡತಿ ಇದನ್ನೇ ಕೇಳಿದ್ದು, ನಾನು ನಡುರಾತ್ರಿ ಎದ್ದು ಕೂತು, ಇಪ್ಪತ್ತೈದು ಕೆಜಿಯ ಅಕ್ಕಿಮೂಟೆ ಮನೆಯಲ್ಲಿ ಎಷ್ಟಿವೆ ಎಂದು ವಿಚಾರಿಸಿದಾಗ.

ವಿಷಯ ಇಷ್ಟೇ. ನಮ್ಮಲ್ಲಿ ಪುರೋಹಿತರು ಕೂಗು ಹಾಕಿದೊಡನೆ ಹುಡುಗಿಯನ್ನು ಮಂಟಪಕ್ಕೆ ಕರೆತರುವವನು ಸೋದರಮಾವ. ಹಿಂದೆ ಎತ್ತಿಕೊಂಡೇ ಬರುತ್ತಿದ್ದರು. ಈಗ ಹುಡುಗಿಯರೂ ಬೆಳೆದಿದ್ದಾರೆ, ಮಾವಂದಿರೂ ಬೆಳೆದಿದ್ದಾರೆ, ಕೈಹಿಡಿದು ನಡೆಸಿಕೊಂಡು ಬಂದರೆ ಯಾರೂ ಚಕಾರ ಎತ್ತುವುದಿಲ್ಲ. ನನ್ನ ಅಕ್ಕ ಮಾತ್ರ ತನ್ನ ಮಗಳನ್ನು ನಾನು ಎತ್ತಿಕೊಂಡೇ ಬರಬೇಕು ಎಂದು ಪಟ್ಟು ಹಿಡಿದಳು. ಅವಳ ಮದುವೆಯಲ್ಲಿ ನಮ್ಮ ಸೋದರಮಾವ, ಮೈಸೂರಿನ ಗರಡಿಯಲ್ಲಿ ಸಾಮು ತೆಗೆದ ಆಸಾಮಿ, ಅವಳನ್ನೆತ್ತಿಕೊಂಡು ಅಂತರಪಟದ ಮುಂದೆ ನಿಂತವನು ಮಂಗಳಾಷ್ಟಕ ಮುಗಿಯುವತನಕ ಇಳಿಸಲಿಲ್ಲವಂತೆ. ಸಾಲದ್ದಕ್ಕೆ, ಓಲಗದವನಿಗೆ ಶ್ರುತಿ ಸರಿಮಾಡಿಕೋ ಎಂದು ಗದರಿಸಿದ್ದನಂತೆ. ನಾನೋ ಬ್ಯಾಂಕಿನಲ್ಲಿ ಕುರ್ಚಿ ಸವೆಸಿದವನು. ಬೆನ್ನಿನ ಕೆಳಗಡೆ ಒಂದು ಡಿಸ್ಕ್ ತನ್ನ ಜಾಗ ಬಿಟ್ಟು ಆಚೆ ಇಣುಕುತ್ತಿದೆ. ಬಗ್ಗಿ ಚಪ್ಪಲಿ ಹಾಕಿಕೊಳ್ಳಬೇಕಾದರೂ ಮೊದಲು ಕುಲದೇವರನ್ನು ನೆನೆಯುತ್ತೇನೆ.

ಆರಂಭದಲ್ಲಿ ಆತಂಕವಿರಲಿಲ್ಲ. ಸೊಸೆ ಬೆಂಗಳೂರಿನಲ್ಲಿ ಜಿಮ್ ಸೇರಿದ್ದಳು. ಅಕ್ಕ ಫೋನಿನಲ್ಲಿ "ಹುಡುಗಿ ಕಡ್ಡಿ ಆಗ್ತಿದಾಳೆ ಕಣೋ" ಎಂದು ಅಳುತ್ತಿದ್ದರೆ ನಾನು ಸಮಾಧಾನ ಹೇಳಿ, ಫೋನಿಟ್ಟು, ಸುಖವಾಗಿ ಮಲಗುತ್ತಿದ್ದೆ. ಆಮೇಲೆ ಲಗ್ನಪತ್ರಿಕೆ ಅಚ್ಚಾಯಿತು. ರವಿಕೆ ಹೊಲಿಯುವವಳು ಕೈಕೊಟ್ಟಳು. ಆಫೀಸಿನಲ್ಲಿ ರಜೆ ಕೇಳಿದರೆ, ಮದುವೆಯ ದಿನ ಲ್ಯಾಪ್‌ಟಾಪ್ ಜೊತೆಗಿರುತ್ತದಲ್ಲವೇ ಎಂಬ ಉತ್ತರ ಬಂತು. ಹುಡುಗಿಗೆ ನಿದ್ದೆ ಹೋಯಿತು. ನಿದ್ದೆ ಕಡಿಮೆಯಾದರೆ ಹಸಿವು ಕೆರಳಿಸುವ ಗ್ರೆಲಿನ್ ಏರುತ್ತದೆ, ಸಾಕು ಎನ್ನಬೇಕಾದ ಲೆಪ್ಟಿನ್ ಇಳಿಯುತ್ತದೆ ಎಂದು ನಮ್ಮ ಭಾವನ ತಮ್ಮ, ಡಾಕ್ಟರು, ನಗುನಗುತ್ತ ವಿವರಿಸಿದರು. ಅವರಿಗೆ ನಗು ಬರದೆ ಏನು? ಎತ್ತಬೇಕಾದವನು ನಾನು. ಅವಳು ಎಚ್ಚರವಿದ್ದು ನಡುರಾತ್ರಿ ನೂಡಲ್ಸ್ ಬೇಯಿಸಿದ್ದು ಗೊತ್ತಾದ ದಿನ ಇಲ್ಲಿ ನಾನೂ ಎಚ್ಚರ. ಬೆಂಗಳೂರಿನ ಒಲೆಗೂ ಮೈಸೂರಿನ ಸೊಂಟಕ್ಕೂ ನೇರ ಸಂಪರ್ಕ ಏರ್ಪಟ್ಟಿತ್ತು.

ನೆಂಟರಿಷ್ಟರಿಗೆ ಸುದ್ದಿ ತಿಳಿದು ಮದ್ದುಗಳು ಬಂದವು. ಹಾಲಿಗೆ ಜಾಯಿಕಾಯಿ ತೇಯ್ದು ಕೊಡಿ. ಅಂಗಾಲಿಗೆ ಹರಳೆಣ್ಣೆ ತಿಕ್ಕಿ. ಎಲ್ಲರೂ ಒಮ್ಮತದಿಂದ ಹೇಳಿದ್ದು ಗಸಗಸೆ ಪಾಯಸ. ಗಸಗಸೆ ಬಂದದ್ದು ಅಫೀಮಿನ ಗಿಡದಿಂದಲೇ. ಕಾಯಿಯ ಹಾಲು ಬೀಜಕ್ಕೆ ಒಂದಿಷ್ಟು ಅಂಟಿರುತ್ತದೆ. ದುಬೈಗೆ ಅದನ್ನು ಒಯ್ದರೆ ಕಸ್ಟಮ್ಸಿನವರು ಒಳಗೆ ಹಾಕುತ್ತಾರೆ. ಅಲ್ಲಿಂದ ಮದುವೆಗೆಂದು ಬಂದಿದ್ದ ನನ್ನ ಭಾವಮೈದುನ, ಊರಿನಲ್ಲಿದ್ದಷ್ಟೂ ದಿನ ಪಾಯಸ ಸುರಿದುಕೊಂಡು ಮಧ್ಯಾಹ್ನದಿಂದ ಸಂಜೆಯವರೆಗೆ ಮನೆಯ ನಡುವೆ ಬಿದ್ದುಕೊಂಡಿರುತ್ತಿದ್ದ. ಎಲ್ಲರೂ ಅವನನ್ನು ದಾಟಿಕೊಂಡು ಓಡಾಡಬೇಕು. ಮದ್ದಿನ ಶಕ್ತಿಯಲ್ಲಿ ನನಗೆ ಅನುಮಾನವಿರಲಿಲ್ಲ. ಆದರೆ ಅದಕ್ಕೆ ಬೆಲ್ಲ ಬೀಳುತ್ತದೆ, ತೆಂಗಿನಕಾಯಿ ಬೀಳುತ್ತದೆ, ಗೋಡಂಬಿ ಬೀಳುತ್ತದೆ. ಹುಡುಗಿಗೆ ಬಡಿಸಿದರೆ ನಿದ್ದೆ ಬರುತ್ತದೆ, ತೂಕವೂ ಬರುತ್ತದೆ. ಅಕ್ಕ ಅವಳಿಗೆ ಎರಡನೆಯ ಲೋಟ ಹಿಡಿದಾಗ ನಾನು ಮಧ್ಯೆ ಬಾಯಿಹಾಕಿದ್ದನ್ನು ಇಡೀ ಬಂಧುಬಳಗ ಮಾವನ ಮತ್ಸರ ಎಂದು ತಿಳಿದುಕೊಂಡಿತು.

ಡಾಕ್ಟರು ವಿಜ್ಞಾನವನ್ನೂ ತಂದರು. ರಿಚರ್ಡ್ ಬೂಟ್‌ಜಿನ್ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞ 1972ರಲ್ಲೇ ಸೂತ್ರ ಕೊಟ್ಟಿದ್ದಾನೆ: ನಿದ್ದೆ ಬರದಿದ್ದರೆ ಹಾಸಿಗೆಯಲ್ಲಿ ಹೊರಳಾಡಬೇಡಿ, ಎದ್ದು ಬೇರೆ ಕೋಣೆಗೆ ಹೋಗಿ, ಕಣ್ಣು ಎಳೆದಾಗ ಮಾತ್ರ ಹಿಂತಿರುಗಿ. ಪುಣ್ಯಾತ್ಮ ಕನ್ನಡದ ಮದುವೆಮನೆ ಕಂಡವನಲ್ಲ. ಬೇರೆ ಕೋಣೆ ಎಲ್ಲಿದೆ? ನಡುಮನೆಯಲ್ಲಿ ಜಮಖಾನದ ಉದ್ದಕ್ಕೂ ಚಿತ್ರದುರ್ಗದವರು. ದೇವರಮನೆಯಲ್ಲಿ ತಾಂಬೂಲದ ತೆಂಗಿನಕಾಯಿ. ಜಗಲಿಯಲ್ಲಿ ಇಸ್ಪೀಟು. ಎದ್ದುಹೋದವನು ಹಿಂತಿರುಗುವಷ್ಟರಲ್ಲಿ ಅವನ ಹಾಸಿಗೆಯಲ್ಲಿ ದಾವಣಗೆರೆಯ ಚಿಕ್ಕಪ್ಪ ಗೊರಕೆ ಹೊಡೆಯುತ್ತಿರುತ್ತಾರೆ.

ಇನ್ನೊಂದು ಸಲಹೆ ಇದಕ್ಕಿಂತ ವಾಸಿ. ಅಮೆರಿಕದ ಬೇಲರ್ ವಿಶ್ವವಿದ್ಯಾಲಯದವರು 2018ರಲ್ಲಿ ಪ್ರಕಟಿಸಿದ ಅಧ್ಯಯನ: ಮಲಗುವ ಮುಂಚೆ ಐದು ನಿಮಿಷ, ಮುಂದೆ ಮಾಡಬೇಕಾದ ಕೆಲಸಗಳ ಪಟ್ಟಿ ಬರೆದವರು, ಮಾಡಿ ಮುಗಿಸಿದ್ದನ್ನು ಬರೆದವರಿಗಿಂತ ಸುಮಾರು 9 ನಿಮಿಷ ಬೇಗ ನಿದ್ದೆಹೋದರು. ಬಾಕಿ ಉಳಿದ ಕೆಲಸ ತಲೆಗೆ ಅಂಟಿಕೊಂಡಿರುತ್ತದೆ ಎಂದು ಬ್ಲೂಮಾ ಜೈಗಾರ್ನಿಕ್ ಎಂಬ ಹೆಣ್ಣುಮಗಳು 1927ರಲ್ಲೇ ಬರೆದಿದ್ದಳಂತೆ. ಭಾವ ಅಂದೇ ಪೆನ್ನು ಹಿಡಿದರು. ಐದು ನಿಮಿಷದಲ್ಲಿ ಪಟ್ಟಿ ಬಾಳೆಎಲೆ ದಾಟಿ ಹಾಲಿನವನ ಮುಂಗಡಕ್ಕೆ ಬಂದಿತ್ತು, ಒಂದು ಗಂಟೆಯಾದರೂ ಮುಗಿಯಲಿಲ್ಲ. ಕೊನೆಗೆ ಮಲಗಿದರು. ಎರಡು ಗಂಟೆಗೆ ಕತ್ತಲಲ್ಲಿ "ಬಾಸಿಂಗ!" ಎಂದು ಕೂಗಿದರು. ಮೂರಕ್ಕೆ ಅಕ್ಕ "ಕಾಶೀಯಾತ್ರೆ ಛತ್ರಿ!" ಎಂದು ಎದ್ದು ಕೂತಳು. ಗಮನಿಸಿ ನೋಡಿ, ಹುಡುಗನಿಗೆ ಮುಂಗೋಪ ಇದೆಯೇ, ಇವರಿಬ್ಬರಿಗೂ ಹೊಂದುತ್ತದೆಯೇ ಎಂದು ಯಾರೂ ಕೂಗಿಕೊಂಡು ಏಳಲಿಲ್ಲ. ಅದಕ್ಕೆಲ್ಲ ಹೆದರಲು ಧೈರ್ಯ ಬೇಕು. ಛತ್ರಿ ಅಗ್ಗ. ನನ್ನ ಪಟ್ಟಿಯಲ್ಲಂತೂ ಒಂದೇ ಬಾಬ್ತು ಇತ್ತು: ಎತ್ತುವುದು. ಬರೆದೆ, ಓದಿದೆ, ಬೆಳಗಿನವರೆಗೂ ಎಚ್ಚರವಿದ್ದೆ.

ಮುಹೂರ್ತದ ಹಿಂದಿನ ರಾತ್ರಿ ಛತ್ರದಲ್ಲಿ ಮಲಗುವ ಮಾತೇ ಇರಲಿಲ್ಲ. ಎಸಿ ಕೋಣೆಗಳು ಬೀಗರಿಗೆ, ಸೊಳ್ಳೆಗಳು ನಮಗೆ. ಬೆಳಗಿನ ಜಾವ ಅಡುಗೆಮನೆಯಲ್ಲಿ ಒಲೆ ಹೊತ್ತಿದ ಸದ್ದಾಯಿತು. ಕಾಫಿಯ ಆಸೆಗೆ ಹೋದರೆ ಅಲ್ಲಿ ಆಗಲೇ ಸೊಸೆ, ಮೆಹಂದಿ ಮೆತ್ತಿದ ಎರಡು ಕೈಯಲ್ಲಿ ಲೋಟ ಹಿಡಿದು ತರಕಾರಿ ಬುಟ್ಟಿಯ ಮೇಲೆ ಕೂತಿದ್ದಾಳೆ.

"ನಿದ್ದೆ ಬರಲಿಲ್ವಾ?"

"ಹೇಗೆ ಬರುತ್ತೆ ಮಾವ? ನೀನು ನನ್ನ ಬೀಳಿಸ್ತೀಯ. ವಿಡಿಯೋದವರು ಡ್ರೋನ್ ಬೇರೆ ತಂದಿದಾರೆ."

ಹಾಗಾದರೆ ನಾವಿಬ್ಬರೂ ಇಷ್ಟು ದಿನ ಒಂದೇ ಚಿಂತೆಯನ್ನು ಎರಡು ಊರಿನಲ್ಲಿ ಹಂಚಿಕೊಂಡು ಸಾಕುತ್ತಿದ್ದೆವು. ಅಕ್ಕಿ ತೊಳೆಯುತ್ತಿದ್ದ ಅಡುಗೆ ಭಟ್ಟರು ಕೈ ಒರೆಸಿಕೊಂಡು ಬಂದರು. "ಇದಕ್ಕೆ ಯಾಕೆ ಸ್ವಾಮಿ ಇಷ್ಟು ರಾದ್ಧಾಂತ? ಅನ್ನದ ಕೊಪ್ಪರಿಗೆ ಎತ್ತಿದ ಹಾಗೆ ಎತ್ತಿ. ಸೊಂಟ ಬಗ್ಗಿಸಬೇಡಿ, ಮಂಡಿ ಬಗ್ಗಿಸಿ. ಮೈಗೆ ಒತ್ತಿ ಹಿಡ್ಕೊಳ್ಳಿ. ಉಸಿರು ಬಿಡ್ತಾ ಏಳಿ. ಎಲ್ಲಿ, ನೋಡೋಣ."

ಬಗ್ಗಿಸಿದೆ, ಒತ್ತಿ ಹಿಡಿದೆ, ಎದ್ದೆ. ಎಲ್ಲಿಯೋ ಒಂದು ಲಟಕ್ ಎಂದಿತು. ಅದು ಭಟ್ಟರು ತೆಂಗಿನಕಾಯಿ ಒಡೆದದ್ದು. ಒಲೆಯಿಂದ ಇಡ್ಲಿ ಪಾತ್ರೆಯವರೆಗೆ ನಡೆದೆ. ಸಹಾಯಕ ಹುಡುಗರು ಸಟ್ಟುಗ ಬಡಿದು ಓಲಗ ಊದಿದರು. ಅಷ್ಟರಲ್ಲಿ ಬಾಗಿಲಲ್ಲಿ ಅಕ್ಕ. ಮಗಳು ತಮ್ಮನ ತೋಳಲ್ಲಿ, ಅಡುಗೆಮನೆಯ ನಡುವೆ, ಕೈಯಲ್ಲಿ ಕಾಫಿ ಲೋಟ. ಅಕ್ಕ ಇಬ್ಬರನ್ನೂ ದಾಟಿ ಮೂಲೆಗಳ ಕಡೆ ಕಣ್ಣಾಡಿಸಿದಳು.

"ಛತ್ರಿ ನೋಡಿದ್ರೇನ್ರೋ?"

"ಕಾರಲ್ಲಿದೆ ಅಮ್ಮ, ಹಿಂದಿನ ಸೀಟಿನ ಕೆಳಗೆ," ಎಂದಳು ಸೊಸೆ ಮೇಲಿನಿಂದ. "ಮಾವ, ಇಳಿಸ್ಬೇಡ. ಇನ್ನೊಂದು ಸುತ್ತು."