ಶೇಷನಾಗನ ಹಂಡೆ, ಭಟ್ಟರ ಸಾರು

ಪ್ರವಾಸಕ್ಕೆ ಹೆಸರು ಬರೆಸಲು ಹೋದ ಕನ್ನಡಿಗರು ‘ಎಲ್ಲಿಗೆ?’ ಅಂತ ಕೇಳುವುದು ಆಮೇಲೆ. ‘ಊಟ ಯಾರದು?’ ಅನ್ನುವುದು ಮೊದಲು. ಟ್ರಾವೆಲ್ಸ್‌ನವರಿಗೆ ಈ ಗುಟ್ಟು ಗೊತ್ತು. ಹಾಗಾಗಿಯೇ ಅವರ ಕರಪತ್ರದಲ್ಲಿ ಹಿಮಾಲಯ ಸಣ್ಣ ಅಕ್ಷರದಲ್ಲಿರುತ್ತದೆ, ‘ನಮ್ಮದೇ ಅಡುಗೆಯವರು, ನಮ್ಮದೇ ಊಟ’ ದಪ್ಪ ಅಕ್ಷರದಲ್ಲಿ ಕೆಂಪಗೆ ಹೊಳೆಯುತ್ತಿರುತ್ತದೆ. ಕಾಶಿಯಾಗಲಿ, ಕುಲು-ಮನಾಲಿಯಾಗಲಿ, ಬೆಳಗ್ಗೆ ಉಪ್ಪಿಟ್ಟು, ಮಧ್ಯಾಹ್ನ ಅನ್ನ-ಸಾರು-ಪಲ್ಯ, ರಾತ್ರಿ ಅದೇ ಸಾರು ಇನ್ನೊಂದು ತರಕಾರಿ ಮುಳುಗಿಸಿಕೊಂಡು ಹುಳಿ ಅನ್ನಿಸಿಕೊಂಡು ಬರುತ್ತದೆ. ದೇಶ ನೋಡಬೇಕು, ಆದರೆ ನಾಲಿಗೆಗೆ ಊರು ಬಿಟ್ಟಿದ್ದು ಗೊತ್ತಾಗಬಾರದು. ಇದು ನಮ್ಮ ಪ್ರವಾಸನೀತಿ.

ಹಿಮಾಚಲಕ್ಕೆ ಹೊರಟ ನಮ್ಮ ತಂಡವೂ ಈ ನೀತಿಗೆ ಹೊರತಾಗಿರಲಿಲ್ಲ. ಬಸ್ಸಿನ ಡಿಕ್ಕಿಯಲ್ಲಿ ನಮ್ಮ ಸೂಟ್‌ಕೇಸುಗಳಿಗಿಂತ ಮರ್ಯಾದೆಯ ಜಾಗ ಸೋನಾ ಮಸೂರಿ ಚೀಲಕ್ಕೆ, ತೊಗರಿಬೇಳೆಗೆ, ಹುಣಸೆಹಣ್ಣಿಗೆ, ಮಿಡಿ ಉಪ್ಪಿನಕಾಯಿ ಡಬ್ಬಕ್ಕೆ. ಅವುಗಳ ಒಡೆಯರು ತೀರ್ಥಹಳ್ಳಿ ಕಡೆಯ ಭಟ್ಟರು. ಸಣಕಲು ದೇಹ, ಮಂಕಿ ಟೋಪಿ, ಕಂಕುಳಲ್ಲಿ ಸದಾ ಒಂದು ಸೌಟು. ನಾವೆಲ್ಲ ಹಿಮ ನೋಡಿ ಕುಣಿಯುವಾಗ ಅವರು ಹೋಟೆಲ್ಲಿನ ಹಿತ್ತಲಲ್ಲಿ ಕುಕ್ಕರಿನ ಸೀಟಿ ಎಣಿಸುತ್ತಿದ್ದರು. ಇಷ್ಟು ಸಲ ಹಿಮಾಲಯಕ್ಕೆ ಬಂದರೂ ಅವರು ನೋಡಿದ್ದು ಹೋಟೆಲ್ಲುಗಳ ಹಿತ್ತಲನ್ನು ಮಾತ್ರ ಅಂತ ಯಾರಿಗೂ ಹೊಳೆದಿರಲಿಲ್ಲ. ಸಾರು ಬಿಸಿ ಇದೆಯಾ ಅನ್ನುವುದಷ್ಟೇ ನಮ್ಮ ಚಿಂತೆ.

ಗೊಂದಲ ಎದ್ದದ್ದು ಪ್ರೋಗ್ರಾಂ ಶೀಟಿನ ಒಂದು ಸಾಲಿನಿಂದ. ‘ಮಣಿಕರಣ್: ಬಿಸಿನೀರಿನ ಬುಗ್ಗೆಯಲ್ಲಿ ಸ್ನಾನ, ಸ್ಥಳೀಯ ಊಟದ ಸವಿ.’ ಬಿಸಿನೀರಿಗೆ ಯಾರ ತಕರಾರೂ ಇಲ್ಲ. ‘ಸ್ಥಳೀಯ’ ಅಂದದ್ದೇ ತಡ ಬಸ್ಸಿನಲ್ಲಿ ಗುಸುಗುಸು. ‘ಸ್ಥಳೀಯ ಅಂದ್ರೆ ಏನೇನು ಹಾಕಿರ್ತಾರೋ ಏನೋ’ ಅಂತ ದಾವಣಗೆರೆ ಆಂಟಿ. ‘ಸಾಸಿವೆ ಎಣ್ಣೆ ಹಾಕ್ತಾರಂತೆ ಕಣೇ’ ಅಂತ ಜಯನಗರದ ಅತ್ತೆ ಸೊಸೆಯ ಕಿವಿಯಲ್ಲಿ. ಕೊನೆಗೆ ಮ್ಯಾನೇಜರ್ ಎದ್ದುನಿಂತು, ‘ಬೇಡದವರು ಕೈ ಎತ್ತಿ, ಭಟ್ರು ಪುಳಿಯೋಗರೆ ಕಟ್ಟಿಕೊಡ್ತಾರೆ’ ಅಂದರು. ಎಲ್ಲ ಕೈಗಳೂ ಮೇಲೆ. ಎತ್ತದೇ ಇದ್ದವನು ಡ್ರೈವರ್ ಒಬ್ಬನೇ. ಅವನಿಗೆ ಕನ್ನಡ ಬರುತ್ತಿರಲಿಲ್ಲ.

ಪುಳಿಯೋಗರೆ ಕಟ್ಟಿಯಾದ ಮೇಲೆ ಭಟ್ಟರಿಗೆ ಮಧ್ಯಾಹ್ನದ ಅಡುಗೆಯೇ ಇಲ್ಲ. ‘ನಾನೂ ಬರಲಾ ಮಾರಾಯ್ರೆ?’ ಅಂತ ಹಿಂದಿನ ಸೀಟಿನಲ್ಲಿ ಬಂದು ಕೂತರು. ಸೌಟು ಇರಲಿಲ್ಲ, ಒಂದು ಬಟ್ಟೆಯ ಕೈಚೀಲ ಇತ್ತು.

ಕುಲುವಿನಿಂದ ಇಳಿದು ಭುಂತರ್‌ಗೆ ಬಂದರೆ ಅಲ್ಲಿ ಪಾರ್ವತಿ ನದಿ ಬಿಯಾಸ್‌ಗೆ ಸೇರುತ್ತದೆ. ಅಲ್ಲಿಂದ ಪಾರ್ವತಿಯ ದಡ ಹಿಡಿದು ಮೇಲಕ್ಕೆ ಸುಮಾರು 35 ಕಿಲೋಮೀಟರು. ರಸ್ತೆ ಎಷ್ಟು ಸಪೂರ ಅಂದರೆ ಎದುರಿನಿಂದ ಇನ್ನೊಂದು ಬಸ್ಸು ಬಂದಾಗಲೆಲ್ಲ ನಮ್ಮ ತಂಡದ ಆಸ್ತಿಕರ ಸಂಖ್ಯೆ ಏರುತ್ತಿತ್ತು. ಸ್ಥಳೀಯ ಗೈಡ್ ಹುಡುಗ, ಕುಲು ಟೋಪಿ ಹಾಕಿದವನು, ಎಲ್ಲ ಗಂಡಸರನ್ನೂ ‘ಅಂಕಲ್‌ಜೀ’, ಎಲ್ಲ ಹೆಂಗಸರನ್ನೂ ‘ಮಾತಾಜೀ’ ಅಂತ ಕರೆದು ಜಯನಗರದ ಸೊಸೆಯ ಕೋಪಕ್ಕೆ ಗುರಿಯಾದ.

ಮಣಿಕರಣ್‌ಗೆ ನಾಲ್ಕು ಕಿಲೋಮೀಟರ್ ಇರುವಾಗ ಕಸೋಲ್ ಸಿಗುತ್ತದೆ. ಅಲ್ಲಿ ಬೋರ್ಡುಗಳಲ್ಲಿ ಹಿಂದಿ, ಇಂಗ್ಲಿಷ್ ಜೊತೆಗೆ ಹೀಬ್ರೂ. ಇಸ್ರೇಲಿನ ಹುಡುಗ-ಹುಡುಗಿಯರು ಮಿಲಿಟರಿ ಸೇವೆ ಮುಗಿಸಿ ದಣಿವಾರಿಸಿಕೊಳ್ಳಲು ಇಲ್ಲಿಗೆ ಬರುತ್ತಾರಂತೆ, ಅವರಿಗಾಗಿ ಹೋಟೆಲಿನವರು ಹಮ್ಮಸ್, ಫಲಾಫೆಲ್, ಶಕ್‌ಶೂಕಾ ಮಾಡುತ್ತಾರಂತೆ. ಗೈಡ್ ಇದನ್ನು ಹೇಳಿದ್ದೇ ನಮ್ಮ ಯಜಮಾನರು ತೊಡೆಯ ಮೇಲಿದ್ದ ಪುಳಿಯೋಗರೆ ಪೊಟ್ಟಣ ಸರಿಮಾಡಿಕೊಳ್ಳುತ್ತ, ‘ಥೂ, ಅಷ್ಟು ದೂರದಿಂದ ಬಂದು ಇಲ್ಲೂ ತಮ್ಮೂರಿನ ತಿಂಡಿಯನ್ನೇ ತಿಂತಾರಲ್ಲ, ಎಂಥ ಜನ!’ ಅಂದರು. ಬಸ್ಸಿಗೆ ಬಸ್ಸೇ ಹೌದೌದು ಅಂತ ತಲೆಯಾಡಿಸಿತು.

ಮಣಿಕರಣ್ ಕಾಣುವ ಮೊದಲು ಅದರ ಹೊಗೆ ಕಾಣುತ್ತದೆ. ಹೊಗೆಯಲ್ಲ, ಹಬೆ. ಪಾರ್ವತಿ ನದಿ ಹಿಮ ಕರಗಿದ ನೀರಲ್ಲಿ ಮೈ ಕೊರೆಯುವಷ್ಟು ತಣ್ಣಗೆ ಅಬ್ಬರಿಸುತ್ತ ಹೋಗುತ್ತಿದ್ದರೆ, ಅದರ ದಡಕ್ಕೇ ಅಂಟಿಕೊಂಡು, ಕೆಲವೇ ಮಾರು ಅಂತರದಲ್ಲಿ, ನೆಲದೊಳಗಿಂದ ನೀರು ಕೊತಕೊತ ಕುದಿಯುತ್ತ ಮೇಲೇಳುತ್ತದೆ. ಸೇತುವೆ ದಾಟಿದರೆ ಗುರುದ್ವಾರ, ಪಕ್ಕದಲ್ಲೇ ಶಿವನ ಗುಡಿ. ಸೇತುವೆಯ ಮೇಲೆ ನಡುಗುವವರು ಆಚೆ ದಡದಲ್ಲಿ ಬೆವರುತ್ತಾರೆ. ಕನ್ನಡಕ ಹಾಕಿದವರಿಗಂತೂ ಜಗತ್ತೇ ಮಾಯೆ. ಚಪ್ಪಲಿ ಬಿಟ್ಟು ತಲೆಗೆ ವಸ್ತ್ರ ಕಟ್ಟಿಕೊಂಡು ಒಳಗೆ ಹೆಜ್ಜೆ ಇಟ್ಟರೆ ನೆಲದ ಕಲ್ಲುಗಳು ಕೆಲವು ಕಡೆ ಕಾದ ಕಾವಲಿ. ಎಲ್ಲಿ ಸುಡುತ್ತದೆ, ಎಲ್ಲಿ ಸುಡುವುದಿಲ್ಲ ಅಂತ ಕಾಲಿಟ್ಟೇ ತಿಳಿಯಬೇಕು. ಮಂಡಿನೋವು ಅಂತ ಬಸ್ಸಿನ ಮೆಟ್ಟಿಲು ಹತ್ತಲು ಇಬ್ಬರ ಆಸರೆ ಬೇಡುತ್ತಿದ್ದ ದಾವಣಗೆರೆ ಆಂಟಿ ಅಲ್ಲಿ ಜಿಂಕೆಯ ಹಾಗೆ ನೆಗೆದದ್ದನ್ನು ನಾನು ಕಣ್ಣಾರೆ ನೋಡಿದೆ.

ನೀರು ಯಾಕೆ ಬಿಸಿ ಅನ್ನುವುದಕ್ಕೆ ಅಲ್ಲಿ ಮೂರು ಉತ್ತರಗಳಿವೆ. ಶಿವನ ಜೊತೆ ವಿಹಾರಕ್ಕೆ ಬಂದ ಪಾರ್ವತಿಯ ಕಿವಿಯ ಮಣಿ ನೀರಿಗೆ ಬಿತ್ತು, ಶೇಷನಾಗ ಅದನ್ನು ಎತ್ತಿಟ್ಟುಕೊಂಡ, ಶಿವ ಕಣ್ಣು ಕೆಂಪು ಮಾಡಿದ್ದೇ ನಾಗ ಬುಸುಗುಟ್ಟಿದ, ಕುದಿನೀರಿನ ಜೊತೆ ಮಣಿಗಳು ಚಿಮ್ಮಿ ಬಂದವು. 1905ರ ಕಾಂಗ್ಡಾ ಭೂಕಂಪದವರೆಗೂ ಇಲ್ಲಿ ಮಣಿಗಳು ಚಿಮ್ಮುತ್ತಿದ್ದವು ಅಂತ ಜನ ಹೇಳುತ್ತಾರೆ. ಇದನ್ನು ಕೇಳಿ ಜಯನಗರದ ಅತ್ತೆ ‘ಛೆ’ ಅಂದ ಪರಿ ನೋಡಿದರೆ ಭೂಕಂಪ ಅವರ ಒಡವೆಪೆಟ್ಟಿಗೆಯಲ್ಲೇ ಆದಂತಿತ್ತು. ಸಿಖ್ಖರ ಕತೆ ಬೇರೆ. ಗುರು ನಾನಕರ ಜೊತೆ ಬಂದ ಭಾಯಿ ಮರ್ದಾನಾಗೆ ಹಸಿವು. ಹಿಟ್ಟಿದೆ, ಒಲೆಯಿಲ್ಲ. ಗುರುಗಳು ಕಲ್ಲೊಂದನ್ನು ಎತ್ತಲು ಹೇಳಿದರೆ ಅಡಿಯಲ್ಲಿ ಬಿಸಿನೀರು. ಅದರಲ್ಲಿ ಬಿಟ್ಟ ರೊಟ್ಟಿಗಳೆಲ್ಲ ಮುಳುಗಿಹೋದವು, ಪ್ರಾರ್ಥಿಸಿದ ಮೇಲೆ ಬೆಂದು ತೇಲಿಬಂದವು. ಅಡುಗೆಯವರ ಕಷ್ಟ ಅರಿತವರು ಕಟ್ಟಿದ ಕತೆಯಿದು ಅಂತ ಭಟ್ಟರಿಗೆ ತಕ್ಷಣ ಅನ್ನಿಸಿತಂತೆ.

ಮೂರನೆಯದು ನಮ್ಮ ತಂಡದ ಮೇಷ್ಟ್ರದು. ಹೈಸ್ಕೂಲಿನಲ್ಲಿ ವಿಜ್ಞಾನ ಪಾಠ ಮಾಡಿ ನಿವೃತ್ತರಾದವರು, ನಿವೃತ್ತಿಯ ಸುದ್ದಿ ಅವರ ಗಂಟಲಿಗೆ ಇನ್ನೂ ತಲುಪಿಲ್ಲ. ‘ಇಲ್ಲಿ ಜ್ವಾಲಾಮುಖಿ ಅಂತ ಏನೂ ಇಲ್ಲ. ಮಳೆನೀರು, ಹಿಮದ ನೀರು ಬಂಡೆಯ ಬಿರುಕುಗಳಲ್ಲಿ ಆಳಕ್ಕಿಳಿಯುತ್ತೆ, ಅಲ್ಲಿನ ಕಾವಿಗೆ ಕಾಯುತ್ತೆ, ಇನ್ನೊಂದು ಬಿರುಕಲ್ಲಿ ಮೇಲೆ ಬರುತ್ತೆ. 90 ಡಿಗ್ರಿಗೂ ಹೆಚ್ಚು. ಈ ಎತ್ತರದಲ್ಲಿ ನೀರು ಕುದಿಯೋದೇ 94ರ ಆಸುಪಾಸು’ ಅಂತ ಶುರುಮಾಡಿದರು. ಈ ಬಿಸಿಯಿಂದ ಕರೆಂಟು ತೆಗೆಯಲು ಹಿಂದೆ ಇಲ್ಲೇ 5 ಕಿಲೋವ್ಯಾಟಿನ ಪ್ರಾಯೋಗಿಕ ಘಟಕವೊಂದನ್ನು ನಡೆಸಿ ನೋಡಿದ್ದರಂತೆ. ಐದು ಕಿಲೋವ್ಯಾಟ್ ಅಂದರೆ ಬೆಂಗಳೂರಿನ ಬಚ್ಚಲುಮನೆಯ ಎರಡು ಗೀಸರಿಗೆ ಸಾಕು. ಕುದಿಯುವ ನೀರಿನಿಂದ ಕರೆಂಟು ತೆಗೆದು, ಆ ಕರೆಂಟಿನಿಂದ ನೀರು ಕಾಯಿಸಬಹುದು! ಮೇಷ್ಟ್ರಿಗೆ ಇದರಲ್ಲಿ ನಗುವಂಥದ್ದು ಏನೂ ಕಾಣಲಿಲ್ಲ. ಅಷ್ಟರಲ್ಲಿ ಅವರ ಕಾಲೂ ಸುಟ್ಟು ಪಾಠ ನಿಂತಿತು.

ಸ್ನಾನದ ವಿಷಯಕ್ಕೆ ಬರೋಣ. ಗಂಡಸರಿಗೆ ಬೇರೆ ಕೊಳ, ನಮಗೆ ಬೇರೆ. ಕುದಿನೀರಿಗೆ ತಣ್ಣೀರು ಬೆರೆಸಿ ಮೈ ತಾಳುವ ಹದಕ್ಕೆ ತಂದಿರುತ್ತಾರೆ. ನಮ್ಮವರು ಬಿಸಿನೀರು ಅಂದಮೇಲೆ ಎಣ್ಣೆಸ್ನಾನ ಬಿಟ್ಟಾರೆಯೇ? ದಾವಣಗೆರೆ ಆಂಟಿ ಸೀಗೆಪುಡಿ, ಕೊಬ್ಬರಿ ಎಣ್ಣೆ ಸಮೇತ ಹಾಜರು. ಎಣ್ಣೆ ಚಳಿಗೆ ಬಾಟಲಿಯೊಳಗೇ ಬೆಣ್ಣೆಗಟ್ಟಿತ್ತು. ಬುಗ್ಗೆಯ ಕಟಕಟೆಯ ಹತ್ತಿರ ಹಬೆಗೆ ಹಿಡಿದು ಕರಗಿಸಿಕೊಂಡು, ಗೆದ್ದ ಮುಖದಲ್ಲಿ ಕೊಳದ ಹತ್ತಿರ ಬಂದರೆ ಅಲ್ಲಿದ್ದ ಸರ್ದಾರ್ಣಿಯೊಬ್ಬರು ಬಾಟಲಿ ನೋಡಿ, ಆಂಟಿಯನ್ನು ನೋಡಿ, ಬೆರಳಾಡಿಸಿದರು. ಎಲ್ಲರೂ ಮುಳುಗುವ ನೀರಿಗೆ ಎಣ್ಣೆ ಬಿಡುವ ಹಾಗಿಲ್ಲ. ನ್ಯಾಯವೇ. ಆದರೆ ಆಂಟಿಯ ತಲೆಯಲ್ಲಿ ಎಣ್ಣೆ ಆಗಲೇ ಅರ್ಧ ಇಳಿದಿತ್ತು. ಹೊರಗಿನ ನಲ್ಲಿಯ ಹಿಮದಂಥ ನೀರಲ್ಲಿ ಅದನ್ನು ತೊಳೆದುಕೊಂಡಾಗ ಎದ್ದ ಕೂಗು ಗಂಡಸರ ಕೊಳಕ್ಕೂ ಕೇಳಿಸಿತಂತೆ.

ಬಿಸಿನೀರು ಮಾತ್ರ ಸುಳ್ಳು ಹೇಳಬಾರದು, ಸೊಗಸು. ಕತ್ತಿನವರೆಗೆ ಇಳಿದು ಕೂತರೆ ಘಾಟಿ ರಸ್ತೆಯಲ್ಲಿ ಬಿಗಿದು ಕಟ್ಟಿಕೊಂಡಿದ್ದ ಸೊಂಟ ತಾನಾಗಿಯೇ ಬಿಚ್ಚಿಕೊಳ್ಳುತ್ತದೆ. ಜಯನಗರದ ಅತ್ತೆ-ಸೊಸೆ ಕೂಡ ಆ ಹೊತ್ತು ಒಬ್ಬರಿಗೊಬ್ಬರು ಬೆನ್ನು ಉಜ್ಜಿದರು. ಆದರೂ ಮಲೆನಾಡಿನಲ್ಲಿ ಹುಟ್ಟಿದ ನನಗೆ ತವರಿನ ಬಚ್ಚಲ ಹಂಡೆ ನೆನಪಾಗದೆ ಇರಲಿಲ್ಲ. ಅಡಿಕೆ ಹಾಳೆ, ತೆಂಗಿನ ಗರಿ ಹಾಕಿ ಉರಿಸಿದ ಒಲೆ, ಆ ಹೊಗೆಯ ವಾಸನೆಯ ನೀರು. ಅದಕ್ಕೆ ಟಿಕೆಟ್ ಇರಲಿಲ್ಲವಾದ್ದರಿಂದ ಯಾರೂ ಅದನ್ನು ಪ್ರವಾಸ ಅಂತ ಕರೆಯಲಿಲ್ಲ. ನಮ್ಮ ಪುತ್ತೂರು ಸೀಮೆಯ ಇರ್ದೆಯ ಬೆಂದ್ರು ತೀರ್ಥವೂ ನೆಲದಿಂದ ಬೆಚ್ಚಗೆ ಉಕ್ಕುವ ಗಂಧಕದ ನೀರೇ. ಅದನ್ನು ನೋಡಿದವರು ನಮ್ಮ ಬಸ್ಸಿನಲ್ಲಿ ಒಬ್ಬರೂ ಇರಲಿಲ್ಲ. ಹತ್ತಿರ ಇದ್ದದ್ದೇ ಅದರ ತಪ್ಪು.

ಮಿಂದು ಹೊರಬಂದು ತಲೆ ಎಣಿಸಿದರೆ ಒಂದು ತಲೆ ಕಮ್ಮಿ. ಭಟ್ಟರಿಲ್ಲ! ತಂಡದಲ್ಲಿ ಆದ ಗಾಬರಿ ಹೇಳತೀರದು. ಮೇಷ್ಟ್ರೇ ಕಾಣೆಯಾಗಿದ್ದರೂ ಅಷ್ಟು ಹುಡುಕುತ್ತಿರಲಿಲ್ಲ. ರಾತ್ರಿಯ ಊಟದ ಪ್ರಶ್ನೆ ನೋಡಿ.

ಭಟ್ಟರು ಬುಗ್ಗೆಯ ಹತ್ತಿರ ಸಿಕ್ಕರು. ಅಲ್ಲಿ ಲಂಗರ್‌ನ ದೊಡ್ಡ ದೊಡ್ಡ ಹಂಡೆಗಳನ್ನು ಅಕ್ಕಿ, ಬೇಳೆ ತುಂಬಿ, ಮುಚ್ಚಳ ಬಿಗಿದು ಕುದಿನೀರಿನಲ್ಲೇ ಇಳಿಬಿಡುತ್ತಾರೆ. ಬೆಂಕಿಯಿಲ್ಲ, ಸೌದೆಯಿಲ್ಲ, ಸಿಲಿಂಡರಿಲ್ಲ. ಯಾತ್ರಿಕರೂ ಅಕ್ಕಿ, ಕಡಲೆಯ ಪುಟ್ಟ ಬಟ್ಟೆಗಂಟುಗಳನ್ನು ಕೊಂಡು ದಾರ ಕಟ್ಟಿ ನೀರಿಗೆ ಬಿಟ್ಟು, ಮೀನು ಹಿಡಿಯುವವರ ಹಾಗೆ ಕಾಯುತ್ತಾರೆ. ಭಟ್ಟರು ಆ ಸಾಲಿನಲ್ಲಿ ಕುಕ್ಕರಗಾಲಲ್ಲಿ ಕೂತು ಒಬ್ಬ ಮುದುಕ ಸೇವಾದಾರರ ಜೊತೆ ಮಾತಿಗೆ ಬಿದ್ದಿದ್ದರು. ಅವರದು ಪಂಜಾಬಿ, ಇವರದು ತೀರ್ಥಹಳ್ಳಿ. ಆದರೂ ಎಷ್ಟು ಅಕ್ಕಿಗೆ ಎಷ್ಟು ಹೊತ್ತು, ಗಂಟನ್ನು ಸಡಿಲ ಕಟ್ಟಬೇಕೋ ಬಿಗಿಯೋ ಅನ್ನುವುದೆಲ್ಲ ಕೈಸನ್ನೆಯಲ್ಲೇ ಇತ್ಯರ್ಥವಾಗಿತ್ತು. ಅಕ್ಕಿ ಉಬ್ಬಲು ಜಾಗ ಬೇಕು, ಸಡಿಲವೇ ಸರಿ. ‘ಎಂತ ಮಾರಾಯ್ರೆ ಇದು! ದಿನಾ ಸೀಟಿ ಎಣಿಸಿ ಎಣಿಸಿ ನನ್ನ ಕಿವಿಯೇ ಹೋಯ್ತು. ಇಲ್ಲಿ ನೋಡಿ, ನೆಲವೇ ಒಲೆ, ಸದ್ದಿಲ್ಲ ಗದ್ದಲ ಇಲ್ಲ’ ಅಂದರು. ನೀರಿನೊಳಗೆ ಅವರ ಹಳೆ ಪಂಚೆಯ ತುಂಡಿನಲ್ಲಿ ಕಟ್ಟಿದ್ದ ದೊಡ್ಡ ಗಂಟೊಂದಿತ್ತು. ಕೈಚೀಲದಲ್ಲಿ ತಂದದ್ದು ಬೇಳೆ, ನಮ್ಮದೇ ತೊಗರಿಬೇಳೆ!

‘ಅದು ಬೇಯಲ್ಲ ಭಟ್ರೇ. ಕುಕ್ಕರ್ ಒಳಗೆ 120 ಡಿಗ್ರಿ ಹತ್ತಿರ ಹೋಗುತ್ತೆ, ಇದು 94 ದಾಟಲ್ಲ. ಹೊತ್ತು ಹಿಡಿಯುತ್ತೆ’ ಅಂದರು ಮೇಷ್ಟ್ರು.

‘ಹಿಡೀಲಿ ಮೇಷ್ಟ್ರೇ. ನಾನು ಊಟ ಮಾಡಿ ಬರ್ತೇನೆ’ ಅಂತ ಭಟ್ಟರು ಲಂಗರ್‌ನ ಪಂಕ್ತಿಯಲ್ಲಿ ಹೋಗಿ ಕೂತೇಬಿಟ್ಟರು. ದಾಲ್, ಅನ್ನ, ರೊಟ್ಟಿ. ಎರಡು ಕೈ ಜೋಡಿಸಿ ಚಾಚಿದರೆ ರೊಟ್ಟಿ ಬೀಳುತ್ತದೆ, ಯಾವ ಊರು, ಯಾವ ಜಾತಿ ಅಂತ ಕೇಳುವವರಿಲ್ಲ. ಇಷ್ಟು ವರ್ಷ ನಿಂತು ಬಡಿಸಿದ ಮನುಷ್ಯ ಕೂತು ಬಡಿಸಿಕೊಳ್ಳುವುದನ್ನು ನೋಡಬೇಕಿತ್ತು. ದಾಲ್ ಎರಡನೇ ಸಲ, ರೊಟ್ಟಿ ಮೂರನೇ ಸಲ. ನಾವು ಅತ್ತ ನದಿಯಾಚೆ, ಬಸ್ಸಿನ ಮಗ್ಗುಲಲ್ಲಿ, ಡೀಸೆಲ್ ವಾಸನೆಯ ನಡುವೆ, ಚಳಿಗೆ ಕಲ್ಲಾಗಿದ್ದ ಪುಳಿಯೋಗರೆಯನ್ನು ಮುರಿದು ಮುರಿದು ತಿಂದೆವು. ಡ್ರೈವರ್ ಕೂಡ ಲಂಗರ್‌ನಲ್ಲಿದ್ದ.

ಮ್ಯಾನೇಜರ್ ಸೀಟಿ ಊದಿದರು. ಭಟ್ಟರು ನೀರು ತೊಟ್ಟಿಕ್ಕುವ ಗಂಟು ಹಿಡಿದು ಓಡೋಡಿ ಬಂದರು.

ಇಳಿಯುವ ದಾರಿಯಲ್ಲಿ ಗೈಡ್ ಹಟ ಬಿಡದೆ ಒಂದು ಅಂಗಡಿ ಮುಂದೆ ಬಸ್ಸು ನಿಲ್ಲಿಸಿದ. ಸಿಡ್ಡು ತಿನ್ನದೆ ಕುಲುವಿನಿಂದ ಹೋಗುವ ಹಾಗಿಲ್ಲವಂತೆ. ಹುದುಗು ಬಂದ ಗೋಧಿ ಹಿಟ್ಟಿನೊಳಗೆ ಗಸಗಸೆ, ಅಕ್ರೋಟು ಅರೆದು ತುಂಬಿ ಹಬೆಯಲ್ಲಿ ಬೇಯಿಸಿದ್ದು. ಬಿಸಿಬಿಸಿಯಾಗಿ ಕತ್ತರಿಸಿ, ಮೇಲೆ ತುಪ್ಪ ಸುರಿದು, ಹಸಿರು ಚಟ್ನಿ ಜೊತೆ ಕೊಡುತ್ತಾರೆ. ತಟ್ಟೆ ಬಂತು, ಮುಟ್ಟುವವರಿಲ್ಲ. ಎಲ್ಲರ ಕಣ್ಣು ಭಟ್ಟರ ಮೇಲೆ. ಅವರು ಒಂದು ತುಂಡು ಮುರಿದು, ಮೂಸಿ, ಒಳಗಿನ ಹೂರಣವನ್ನು ಬೆರಳಲ್ಲಿ ಒತ್ತಿ ನೋಡಿ, ಬಾಯಿಗೆ ಹಾಕಿ, ಕಣ್ಣು ಮುಚ್ಚಿ, ‘ಹುದುಗು ಹದವಾಗಿ ಬಂದದೆ’ ಅಂದರು. ಅಷ್ಟೇ. ಅಂಗಡಿಯ ಸಿಡ್ಡು ಖಾಲಿ!

ಖಾಲಿಯಾದ ಮೇಲೆ ವಾಡಿಕೆಯಂತೆ ಹಕ್ಕುಸಾಧನೆ ಶುರುವಾಯಿತು. ‘ಇದು ನಮ್ಮ ಹಾಸನದ ಕಡುಬೇ ಅಲ್ವೇನ್ರೀ’ ಅಂತ ಒಬ್ಬರು. ‘ಕಡುಬು ಅಂದ್ರ ಹೂರಣದ್ದರೀ, ನಮ್ಮ ಕಡೆ ಕರೀತೀವಿ’ ಅಂತ ಧಾರವಾಡದವರು. ಮಂಗಳೂರಿನವರು ಇಡ್ಲಿಯ ಕಡೆ ವಕಾಲತ್ತು ಹಿಡಿದರು. ಭುಂತರ್ ತಲುಪುವಷ್ಟರಲ್ಲಿ ಸಿಡ್ಡು ಕರ್ನಾಟಕದಿಂದಲೇ ಕುಲುವಿಗೆ ಹೋಗಿದ್ದು ಅನ್ನುವುದು ಬಹುಮತದಿಂದ ತೀರ್ಮಾನವಾಗಿತ್ತು. ಬೆಳಗ್ಗೆ ಸ್ಥಳೀಯ ಊಟ ಬೇಡ ಅಂತ ಎತ್ತಿದ ಅವೇ ಕೈಗಳು.

ರಾತ್ರಿ ಸಾರು ಬಡಿಸುತ್ತ ಭಟ್ಟರು ಸಣ್ಣ ದನಿಯಲ್ಲಿ, ‘ಇವತ್ತಿನದು ಮಣಿಕರಣದ ಬೇಳೆ’ ಅಂದರು. ಬಡಿಸಿಕೊಳ್ಳುವ ರೀತಿಯೇ ಬದಲಾಯಿತು. ಜಯನಗರದ ಅತ್ತೆ ಮೊದಲ ಸೌಟನ್ನು ಅಂಗೈಯಲ್ಲಿ ತೀರ್ಥದ ಹಾಗೆ ತೆಗೆದುಕೊಂಡು ಕಣ್ಣಿಗೊತ್ತಿ ಕುಡಿದರು. ನಮ್ಮ ಯಜಮಾನರು ಮೂರು ಸಲ ಹಾಕಿಸಿಕೊಂಡರು. ಮೇಷ್ಟ್ರು ಮಾತ್ರ ಹಲ್ಲಿನಡಿ ಸಿಕ್ಕ ಬೇಳೆಯೊಂದನ್ನು ಬೆರಳ ತುದಿಗೆ ತೆಗೆದು ದೀಪಕ್ಕೆ ಹಿಡಿದು, ‘ನಾನು ಹೇಳಿರಲಿಲ್ವಾ ಭಟ್ರೇ, ಬೆಂದಿಲ್ಲ’ ಅಂದರು.

‘ಬೇಯಿಸಿದ್ದು ನಾನಲ್ಲ ಮಾರಾಯ್ರೆ’ ಅಂದರು ಭಟ್ಟರು, ಹುಳಿಯ ಪಾತ್ರೆಗೆ ತಿರುಗುತ್ತ. ‘ಶೇಷನಾಗನ್ನ ಕೇಳಿ.’