ಊರಿಗೆ ಬಾರದ ತಂಡಕ್ಕೊಂದು ಬಹಿರಂಗ ಪತ್ರ

ಗುಲ್ಬರ್ಗಾ ಮಿಸ್ಟಿಕ್ಸ್ ಕ್ರಿಕೆಟ್ ತಂಡದ ನಾಯಕರು, ಆಟಗಾರರು, ತರಬೇತುದಾರರು ಹಾಗೂ ಮಾಲೀಕರಿಗೆ,

ಬಸವಕಲ್ಯಾಣ ಮತ್ತು ಹುಮನಾಬಾದ್ ಕಡೆಯ ಅಭಿಮಾನಿಗಳ ಪರವಾಗಿ ಶರಣು ಶರಣಾರ್ಥಿ.

ನಾವು ಇಲ್ಲಿ ಕ್ಷೇಮ. ನಿಮ್ಮ ಕ್ಷೇಮಸಮಾಚಾರ ಚೆಂಡು ಚೆಂಡಿಗೂ ಮೊಬೈಲಿಗೇ ಬಂದು ಬೀಳುವುದರಿಂದ ಬೇರೆ ಕೇಳುವ ಪ್ರಸಂಗವಿಲ್ಲ. ಪತ್ರ ಬರೆಯಲು ಕಾರಣವಿಷ್ಟೆ: ನಿಮ್ಮ ಪ್ಲೇಆಫ್ ಲೆಕ್ಕ ಹಾಕಿ ಹಾಕಿ ನಮ್ಮ ಕಡೆಯವರಿಗೆ ಗಣಿತ ಚೆನ್ನಾಗಿ ಬಂದುಬಿಟ್ಟಿದೆ. ನಮ್ಮ ಬೀದರ್ ಜಿಲ್ಲೆಯ ಎಸ್ಸೆಸ್ಸೆಲ್ಸಿ ಫಲಿತಾಂಶದ ಬಗ್ಗೆ ಪ್ರತಿವರ್ಷ ಚಿಂತೆ ಮಾಡುವ ಅಧಿಕಾರಿಗಳು ಈ ಉಪಕಾರವನ್ನು ಗಮನಿಸಿದಂತಿಲ್ಲ. ಅವರ ಪರವಾಗಿ ನಾವೇ ಮೊದಲು ಕೃತಜ್ಞತೆ ಹೇಳಿ, ಆಮೇಲೆ ಒಂದು ಲೆಕ್ಕ ಒಪ್ಪಿಸುತ್ತೇವೆ.

ಹಿಂದಿನ ಕರ್ನಾಟಕ ಪ್ರೀಮಿಯರ್ ಲೀಗ್ (ಕೆಪಿಎಲ್) ನೆನಪಿರಬೇಕು. ಅದರಲ್ಲಿ ಬಿಜಾಪುರವಿತ್ತು, ಬೆಳಗಾವಿಯಿತ್ತು, ಹುಬ್ಬಳ್ಳಿಯಿತ್ತು, ಬಳ್ಳಾರಿಯೂ ಇತ್ತು. ಕಲಬುರಗಿಯ ಹೆಸರಿನದೊಂದು ತಂಡ ಇರಲಿಲ್ಲ. ಬೀದರಿನ ಮಾತಂತೂ ಬೇಡ. 2022ರಲ್ಲಿ ರಾಜ್ಯ ಕ್ರಿಕೆಟ್ ಸಂಸ್ಥೆ ಮಹಾರಾಜ ಟ್ರೋಫಿ ಶುರುಮಾಡಿ ಆರು ತಂಡ ಕಟ್ಟಿದಾಗ ಒಂದಕ್ಕೆ ನಮ್ಮ ವಿಭಾಗದ ಹೆಸರು ಬಿತ್ತು. ಊರು ಕಲಬುರಗಿಯಾಗಿ ಎಂಟು ವರ್ಷವಾಗುತ್ತ ಬಂದಿದ್ದರೂ ತಂಡದ ಅಂಗಿಯ ಮೇಲೆ ಗುಲ್ಬರ್ಗಾ ಎಂದೇ ಬಂತು. ಇರಲಿ ಬಿಡಿ, ಹೆಸರು ಬಂತಲ್ಲ ಎಂದುಕೊಂಡೆವು.

ಬಂದ ವರ್ಷವೇ ನೀವು ಕಪ್ ಗೆದ್ದಿರಿ. 2022ರ ಆಗಸ್ಟ್ 26ರ ರಾತ್ರಿ ಚಿನ್ನಸ್ವಾಮಿ ಮೈದಾನದಲ್ಲಿ ಬೆಂಗಳೂರು ಬ್ಲಾಸ್ಟರ್ಸ್ ತಂಡವನ್ನು 11 ರನ್‌ಗಳಿಂದ ಸೋಲಿಸಿದಿರಿ. ಬೆಂಗಳೂರಿನವರನ್ನು ಬೆಂಗಳೂರಿನಲ್ಲೇ ಮಣಿಸುವ ಭಾಗ್ಯ ನಮ್ಮ ಕಡೆಯವರಿಗೆ ವಿಧಾನಸೌಧದೊಳಗೂ ಅಪರೂಪ. ನಾಯಕ ಮನೀಷ್ ಪಾಂಡೆ ಕಪ್ ಎತ್ತಿದರು. ಮರುವರ್ಷವೂ ಅವರೇ ಕಪ್ ಎತ್ತಿದರು, ಆದರೆ ಹುಬ್ಬಳ್ಳಿ ಟೈಗರ್ಸ್ ನಾಯಕರಾಗಿ. 2024ರಲ್ಲಿ ದೇವದತ್ತ ಪಡಿಕ್ಕಲ್ ನಿಮ್ಮ ನಾಯಕರು. ಆ ವರ್ಷ ಆರ್. ಸ್ಮರಣ್ ಮೈಸೂರಿನವರ ಎದುರು ಶತಕ ಹೊಡೆದು ಪಂದ್ಯ ಗೆಲ್ಲಿಸಿದ್ದನ್ನು ನಾವು ಮರೆತಿಲ್ಲ. ಸೆಮಿಫೈನಲ್ ತನಕ ಹೋದಿರಿ, ಅಲ್ಲಿ ಬೆಂಗಳೂರಿನವರು 2022ರ ಬಾಕಿ ತೀರಿಸಿಕೊಂಡರು. 2025ರ ಹರಾಜಿನಲ್ಲಿ ಪಡಿಕ್ಕಲ್ ಅವರೂ 13.20 ಲಕ್ಷ ರೂಪಾಯಿಗೆ ಹುಬ್ಬಳ್ಳಿ ಪಾಲಾದರು. ನಮ್ಮ ನಾಯಕರು ಹುಬ್ಬಳ್ಳಿ ದಾರಿ ಹಿಡಿಯುವುದರ ಬಗ್ಗೆ ನಮಗೆ ಬೇಸರವಿಲ್ಲ. ನಮ್ಮ ಹುಡುಗರು ಕೆಲಸಕ್ಕೆ ಹೈದರಾಬಾದು, ಪುಣೆ ಹಿಡಿಯುತ್ತಾರೆ. ಊರು ಬಿಟ್ಟು ಹೋಗುವವರನ್ನು ಬಸ್‌ಸ್ಟ್ಯಾಂಡಿನ ತನಕ ಕಳಿಸಿಕೊಟ್ಟು ಬರುವುದು ನಮಗೆ ರೂಢಿಯಾದ ಕೆಲಸ.

ಈಗ ಉಳಿದ ಪಂದ್ಯಗಳ ವಿಷಯಕ್ಕೆ ಬರೋಣ.

ಪ್ರತಿ ತಂಡಕ್ಕೆ ಹತ್ತು ಲೀಗ್ ಪಂದ್ಯ. ಆರರಲ್ಲಿ ನಾಲ್ಕು ತಂಡ ಮುಂದಕ್ಕೆ. ಅಂದರೆ ಚೀಟಿ ಎತ್ತಿ ಆರಿಸಿದರೂ ಮೂರರಲ್ಲಿ ಎರಡು ಪಾಲು ಅವಕಾಶ ಇದ್ದೇ ಇದೆ. ಹೊರಬೀಳುವುದಕ್ಕೇ ಸ್ವಲ್ಪ ಕಷ್ಟಪಡಬೇಕು. ಅಷ್ಟಾದರೂ ಆಗಸ್ಟ್ ಅರ್ಧವಾಯಿತೆಂದರೆ ನೀವು ನಮ್ಮನ್ನು ಲೆಕ್ಕಕ್ಕೆ ಕೂರಿಸುತ್ತೀರಿ. ಹೊಲದಲ್ಲಿ ಸೋಯಾಬೀನ್, ತೊಗರಿ ನಿಂತಿರುತ್ತವೆ. ಎರಿ ಮಣ್ಣು ಚಪ್ಪಲಿಗೆ ಅಂಟಿ ಕಾಲು ಎತ್ತಲು ಬಾರದ ಮಳೆಗಾಲ. ಸಸ್ತಾಪುರ ಬಂಗ್ಲಾದ ಹೆದ್ದಾರಿ ಬದಿಯ ಚಹಾದಂಗಡಿಯಲ್ಲಿ ಒಂದು ಮೊಬೈಲು ಸಕ್ಕರೆ ಡಬ್ಬಿಗೆ ಆನಿಸಿಟ್ಟಿರುತ್ತದೆ. ಅದರ ಮುಂದೆ ನಡೆಯುವ ಸಂಭಾಷಣೆ ಸಾಮಾನ್ಯವಾಗಿ ಹೀಗೆ:

“ಕಾಕಾ, ಇನ್ನ ನಾಕು ಮ್ಯಾಚ್ ಉಳದಾವ. ಎರಡು ಹೊಡದರ ಸಾಕು.”

“ಸಾಕಲ್ಲೋ ತಮ್ಮಾ. ಶಿವಮೊಗ್ಗದವರು ಒಂದರ ಸೋಲಬೇಕು.”

“ಸೋಲ್ತಾರ ಬಿಡ್ರಿ. ಮಳಿ ಬಂದರ ಏನು ಮಾಡೋದು?”

“ಮಳಿ ಬಂದರ ಇಬ್ಬರಿಗೂ ಒಂದೊಂದು ಪಾಯಿಂಟ್. ಮ್ಯಾಚ್ ಎಲ್ಲಿ ಅದ?”

“ಇನ್ನೆಲ್ಲಿ ಇರ್ತದ ಕಾಕಾ, ಅಲ್ಲೇ.”

ಈ ‘ಅಲ್ಲೇ’ ಯಾವುದೆಂದು ಅಂಗಡಿಯಲ್ಲಿ ಯಾರೂ ಕೇಳುವುದಿಲ್ಲ. ವೇಳಾಪಟ್ಟಿಯಲ್ಲಿ ದಿನಾಂಕ ಬದಲಾಗುತ್ತದೆ, ಎದುರಾಳಿ ಬದಲಾಗುತ್ತದೆ, ಮಧ್ಯಾಹ್ನದ ಪಂದ್ಯ ರಾತ್ರಿಯದಾಗುತ್ತದೆ. ಸ್ಥಳದ ಕಾಲಂ ಮಾತ್ರ ಬೆಂಗಳೂರು, ಮೈಸೂರು ಬಿಟ್ಟು ಕದಲುವುದಿಲ್ಲ. 2022ರಲ್ಲಿ ಮೈಸೂರು, ಬೆಂಗಳೂರು. 2023, 2024ರಲ್ಲಿ ಬೆಂಗಳೂರು. 2025ರಲ್ಲಿ ಮೈಸೂರು. ಈ ನಾಲ್ಕು ಸೀಸನ್‌ನಲ್ಲಿ ಗುಲ್ಬರ್ಗಾ ಹೆಸರಿನ ತಂಡ ಕಲಬುರಗಿಯಲ್ಲಿ ಒಂದು ಟಾಸ್ ಕೂಡ ಹಾಕಲಿಲ್ಲ. ಹುಮನಾಬಾದಿನಿಂದ ಬೆಂಗಳೂರು ಆರುನೂರು ಕಿಲೋಮೀಟರಿಗೂ ಹೆಚ್ಚು. ನಿಮ್ಮ ‘ತವರಿನ ಪಂದ್ಯ’ ನೋಡಿ ಬರಲು ನಾವು ಎರಡು ರಾತ್ರಿ ಬಸ್ಸಿನಲ್ಲಿ ಮಲಗಬೇಕು.

ನ್ಯಾಯವಾಗಿ ಹೇಳಬೇಕೆಂದರೆ, ಈ ಪಂಕ್ತಿಯಲ್ಲಿ ನಾವೊಬ್ಬರೇ ಕೂತಿಲ್ಲ. ಶಿವಮೊಗ್ಗ, ಮಂಗಳೂರಿನವರ ಗತಿಯೂ ಇದೇ. ಹುಬ್ಬಳ್ಳಿಯವರಿಗಂತೂ ಸಂಸ್ಥೆಯದೇ ಮೈದಾನವಿದೆ, ಕೆಪಿಎಲ್ ಕಾಲದಲ್ಲಿ ಅಲ್ಲಿ ಪಂದ್ಯಗಳೂ ನಡೆದಿವೆ. ಈ ಟ್ರೋಫಿ ಅಲ್ಲಿಗೂ ಹೋಗಲಿಲ್ಲ. ಊರಿನ ಹೆಸರು ಸಾಕು, ಊರು ಬೇಡ ಎಂಬ ನಿಯಮವನ್ನು ಬೆಂಗಳೂರು, ಮೈಸೂರು ಬಿಟ್ಟು ಉಳಿದೆಲ್ಲರಿಗೂ ಸಮಾನವಾಗಿ ಹಂಚಿದ್ದಾರೆ. ಸಮಾನತೆ ಸಾರಿದ ಶರಣರ ಊರಿನವರಾದ ನಾವು ಅದನ್ನು ಮೆಚ್ಚದಿದ್ದರೆ ತಪ್ಪಾದೀತು.

ನಮಗೆ ಹತ್ತಿರದ ದೊಡ್ಡ ಕ್ರಿಕೆಟ್ ಮೈದಾನ ಯಾವುದೆಂದು ಕೇಳಿದರೆ ಉತ್ತರ ಹೈದರಾಬಾದಿನ ಉಪ್ಪಲ್. ಬೆಂಗಳೂರಿಗೆ ಹೋಗುವ ದಾರಿಯ ಮೂರನೇ ಒಂದು ಭಾಗದಷ್ಟರಲ್ಲೇ ಅಲ್ಲಿ ಇಳಿಯಬಹುದು. 2024ರ ಐಪಿಎಲ್‌ನಲ್ಲಿ ಮೊದಲ ಎಂಟರಲ್ಲಿ ಏಳು ಸೋತು ಕೂತಿದ್ದ ಆರ್‌ಸಿಬಿಯ ಅದೃಷ್ಟ ತಿರುಗಿದ್ದೂ ಅಲ್ಲೇ, ಏಪ್ರಿಲ್ 25ರಂದು. ಅಲ್ಲಿಂದ ಸಾಲಾಗಿ ಆರು ಗೆದ್ದರು. ಮೇ 18ರಂದು ಚೆನ್ನೈ ತಂಡವನ್ನು ಬರೀ ಸೋಲಿಸಿದರೆ ಸಾಲದು, ಕನಿಷ್ಠ 18 ರನ್ ಅಂತರದಿಂದ ಸೋಲಿಸಬೇಕಿತ್ತು. 27 ರನ್‌ಗಳಿಂದ ಗೆದ್ದು, ಇಬ್ಬರದೂ 14 ಪಾಯಿಂಟ್ ಆದಾಗ ನೆಟ್ ರನ್ ರೇಟ್ ಬಲದಿಂದ ಒಳಗೆ ಹೋದರು. ಆ ರಾತ್ರಿ ಬಸವಕಲ್ಯಾಣದಲ್ಲಿ ಪಟಾಕಿ ಹೊಡೆದವರಲ್ಲಿ ಎಷ್ಟೋ ಮಂದಿ ಚಿನ್ನಸ್ವಾಮಿ ಮೈದಾನವನ್ನು ಕಣ್ಣಾರೆ ಕಂಡವರಲ್ಲ. ನಾಲ್ಕೇ ದಿನಕ್ಕೆ ರಾಜಸ್ಥಾನದವರು ಆರ್‌ಸಿಬಿಯನ್ನು ಮನೆಗೆ ಕಳಿಸಿದರು, ಅದು ಬೇರೆ ಮಾತು. ಲೆಕ್ಕ ಮಾತ್ರ ನಮಗೆ ಕರಗತವಾಯಿತು.

ಈ ನೆಟ್ ರನ್ ರೇಟ್ ಬಗ್ಗೆ ಎರಡು ಮಾತು ಹೇಳಲೇಬೇಕು. ನಾವು ಹೊಡೆದ ರನ್ನಿನ ವೇಗದಲ್ಲಿ ಎದುರಾಳಿ ಹೊಡೆದ ರನ್ನಿನ ವೇಗ ಕಳೆದರೆ ಅದು ಬರುತ್ತದೆ. 15 ಓವರಿಗೆ ಆಲೌಟ್ ಆದರೂ ಪೂರ್ತಿ 20 ಓವರ್ ಆಡಿದೆವೆಂದೇ ಭಾಗಿಸುತ್ತಾರೆ. ಒಮ್ಮೆ ಆಳವಾಗಿ ಮೈನಸ್‌ಗೆ ಇಳಿದರೆ ಸಾದಾ ಗೆಲುವಿನಿಂದ ಮೇಲೆ ಬರುವುದು ಕಷ್ಟ. ಮುಂದಿರುವವರ ಸಮಕ್ಕೆ ಬರಬೇಕಾದರೆ ಅವರಿಗಿಂತ ಹೆಚ್ಚು ವೇಗದಲ್ಲಿ ಓಡಬೇಕು. ಬೆಂಗಳೂರಿನ ಟಿವಿ ಸ್ಟುಡಿಯೋಗಳಲ್ಲಿ ಪಂಡಿತರು ಇದನ್ನು ಗ್ರಾಫಿಕ್ಸ್ ಹಾಕಿ ವಿವರಿಸುತ್ತಾರೆ. ನಮ್ಮಲ್ಲಿ ಚಹಾ ಸೋಸುವ ಹುಡುಗನಿಗೂ ಅದು ಗೊತ್ತು. ಏಕೆಂದರೆ ನಾವು 2002ರಿಂದ ಇನ್ನೊಂದು ಪಾಯಿಂಟ್ಸ್ ಟೇಬಲ್ ಓದಿಕೊಂಡು ಬಂದವರು.

ಡಾ. ಡಿ.ಎಂ. ನಂಜುಂಡಪ್ಪ ಸಮಿತಿ ಆ ವರ್ಷ ರಾಜ್ಯದ 175 ತಾಲ್ಲೂಕುಗಳಿಗೆ 35 ಸೂಚ್ಯಂಕ ಹಿಡಿದು ಅಂಕ ಕೊಟ್ಟಿತು. 114 ತಾಲ್ಲೂಕು ಹಿಂದುಳಿದವು ಎಂದು ಹೊರಬಿದ್ದವು. ಅವುಗಳಲ್ಲಿ 39 ಅತ್ಯಂತ ಹಿಂದುಳಿದವು, ಅದರಲ್ಲಿ ದೊಡ್ಡ ಪಾಲು ಗುಲ್ಬರ್ಗಾ ವಿಭಾಗದ್ದು. ವಿಶೇಷ ಅಭಿವೃದ್ಧಿ ಯೋಜನೆ ಬಂತು, ಸಂವಿಧಾನದ 371ಜೆ ವಿಧಿಯ ಮೀಸಲಾತಿ ಬಂತು, 2019ರಲ್ಲಿ ಹೈದರಾಬಾದ್ ಕರ್ನಾಟಕವು ಕಲ್ಯಾಣ ಕರ್ನಾಟಕವಾಯಿತು. ಟೇಬಲ್ ಹೊಸದಾಗಿ ಬರೆಯಲು 2024ರಲ್ಲಿ ಪ್ರೊ. ಎಂ. ಗೋವಿಂದರಾವ್ ಅಧ್ಯಕ್ಷತೆಯ ಇನ್ನೊಂದು ಸಮಿತಿಯೂ ನೇಮಕವಾಯಿತು. ನಾವು ಗೆಲ್ಲುತ್ತಿಲ್ಲವೆಂದಲ್ಲ. ನಾವು ಒಂದು ರನ್ ತೆಗೆಯುವಷ್ಟರಲ್ಲಿ ಮೇಲಿನ ನಾಲ್ಕು ತಂಡ ಎರಡು ತೆಗೆದಿರುತ್ತವೆ. ಹೀಗಾಗಿ ನೀವು ಐದನೇ ಸ್ಥಾನದಲ್ಲಿದ್ದಾಗ ನಿಮ್ಮ ಸಂಕಟ ನಮಗೆ ಅರ್ಥವಾಗುವಷ್ಟು ಬೇರೆ ಯಾವ ಅಭಿಮಾನಿಗೂ ಅರ್ಥವಾಗುವುದಿಲ್ಲ. ಆದರೆ ಹೆದರಬೇಡಿ, ಪ್ಲೇಆಫ್‌ನಲ್ಲಿ 371ಜೆ ಅಡಿ ಒಂದು ಸ್ಥಾನ ಮೀಸಲಿಡಿ ಎಂದು ನಾವು ಅರ್ಜಿ ಹಾಕುವುದಿಲ್ಲ.

ಊರಿಗೆ ಬರಲಾಗದ್ದಕ್ಕೆ ಕಾರಣಗಳಿವೆ ಎಂದು ನಮಗೂ ಗೊತ್ತು. ಟರ್ಫ್ ವಿಕೆಟ್ ಬೇಕು, ಹೊನಲು ಬೆಳಕು ಬೇಕು, ನೇರಪ್ರಸಾರದ ಕ್ಯಾಮೆರಾ ನಿಲ್ಲಿಸಲು ಜಾಗ ಬೇಕು, ಆರು ತಂಡಕ್ಕೆ ಒಳ್ಳೆಯ ಹೋಟೆಲು ಬೇಕು. ಒಂದೇ ಊರಿನಲ್ಲಿ ಆಡಿಸಿದರೆ ಖರ್ಚು ಕಡಿಮೆ. ಒಪ್ಪಿದೆವು. ಟರ್ಫ್ ವಿಕೆಟ್ ಇಲ್ಲ ಎಂದು ಪಂದ್ಯ ಕೊಡುವುದಿಲ್ಲ, ಪಂದ್ಯವೇ ಇಲ್ಲದ ಊರಿಗೆ ಟರ್ಫ್ ವಿಕೆಟ್ ಏಕೆಂದು ಅದನ್ನೂ ಮಾಡುವುದಿಲ್ಲ. ಇಂಥ ಸುತ್ತುತರ್ಕದಲ್ಲಿ ನಾವೂ ಪಳಗಿದವರೇ. ರೈಲು ಮಾರ್ಗಕ್ಕೂ ಬಹಳ ಕಾಲ ಇದನ್ನೇ ಹೇಳುತ್ತಿದ್ದರು.

ಆದರೆ 2025ರಲ್ಲಿ ಒಂದು ಸಂಗತಿ ನಡೆಯಿತು. ಜೂನ್ 4ರಂದು ಚಿನ್ನಸ್ವಾಮಿ ಮೈದಾನದ ಹೊರಗೆ ಕಾಲ್ತುಳಿತದಲ್ಲಿ 11 ಜನ ತೀರಿಕೊಂಡರು. ಅದರ ಬಗ್ಗೆ ವಿನೋದದ ಮಾತು ಸಲ್ಲದು. ಆ ಬಳಿಕ ಬೆಂಗಳೂರಿನಲ್ಲಿ ಆಡಿಸಲು ಅನುಮತಿ ಸಿಗದೆ ಇಡೀ ಮಹಾರಾಜ ಟ್ರೋಫಿ ಮೈಸೂರಿಗೆ ಹೋಯಿತು. ಮನಸ್ಸು ಮಾಡಿದರೆ ಆರು ತಂಡ, ಕ್ಯಾಮೆರಾ, ಅಂಪೈರು, ಅಡುಗೆಯವರು ಎಲ್ಲರನ್ನೂ ಬೇರೆ ಊರಿಗೆ ಸಾಗಿಸಬಹುದೆಂದು ಆಗ ಸಾಬೀತಾಯಿತು. ಹೋದ ದಿಕ್ಕು ಮಾತ್ರ ತೆಂಕಣ. ನಮಗೆ ಇನ್ನೂ ಸುಮಾರು 140 ಕಿಲೋಮೀಟರು ದೂರವಾದಿರಿ.

ದಾರಿ ಸರಿಯಿಲ್ಲ ಎನ್ನುವಂತೆಯೂ ಇಲ್ಲ. ಹುಮನಾಬಾದಿನ ಮೇಲೆ ಹಾದುಹೋಗುವ ಬೀದರ್–ಕಲಬುರಗಿ ರೈಲು ಮಾರ್ಗ 2017ರಲ್ಲಿ ಉದ್ಘಾಟನೆಯಾಗಿದೆ. ಕಲಬುರಗಿ ವಿಮಾನ ನಿಲ್ದಾಣ 2019ರಲ್ಲಿ, ಬೀದರಿನದು 2020ರಲ್ಲಿ ಶುರುವಾದವು. ರಾಜಕೀಯ ಪಕ್ಷಗಳಿಗೆ ನಮ್ಮೂರಿನ ದಾರಿ ಸರಿಯಾಗಿ ಗೊತ್ತು. 2023ರ ವಿಧಾನಸಭಾ ಚುನಾವಣೆಗೆ ಮುನ್ನ ಸಿದ್ದರಾಮಯ್ಯನವರು ಬಸ್ ಯಾತ್ರೆ ಹೊರಟದ್ದು ಬಸವಕಲ್ಯಾಣದಿಂದ, ಫೆಬ್ರುವರಿ 3ಕ್ಕೆ. ಸರಿಯಾಗಿ ಒಂದು ತಿಂಗಳಿಗೆ ಅಮಿತ್ ಶಾ ಅವರೂ ಇಲ್ಲಿಗೇ ಬಂದು ಬಿಜೆಪಿಯ ಯಾತ್ರೆಗೆ ಚಾಲನೆ ಕೊಟ್ಟರು. ಹನ್ನೆರಡನೇ ಶತಮಾನದ ಮಾತು ಎತ್ತುವುದಾದರೆ, ಮೋಳಿಗೆ ಮಾರಯ್ಯ ಕಾಶ್ಮೀರದಿಂದ ಈ ಕಲ್ಯಾಣಕ್ಕೆ ಬಂದರೆಂಬ ಪ್ರತೀತಿ ಇದೆ. ಅಷ್ಟು ದೂರದಿಂದ ಅನುಭಾವಿಗಳು ಬಂದ ನೆಲಕ್ಕೆ ಮಿಸ್ಟಿಕ್ಸ್ ಎಂದು ಹೆಸರಿಟ್ಟುಕೊಂಡ ತಂಡ ಬೆಂಗಳೂರಿನಿಂದ ಬರುವುದು ಕಷ್ಟವೆಂದರೆ ಶರಣರು ಏನೆಂದುಕೊಂಡಾರು?

ನಿಮಗಾಗಿ ಕಾದಿರುವವರು ಯಾರೆಂದೂ ಹೇಳಿಬಿಡುತ್ತೇವೆ. ರಾಶಿ ಮುಗಿದು ಹೊಲ ಖಾಲಿಯಾದ ಮೇಲೆ ನಮ್ಮಲ್ಲಿ ಟೆನಿಸ್ ಬಾಲ್ ಟೂರ್ನಿಗಳು ಶುರುವಾಗುತ್ತವೆ. ಬೌಂಡರಿಗೆ ಸುಣ್ಣದ ಗೆರೆ, ಪಿಚ್ಚಿಗೆ ರಾತ್ರಿ ನೀರು ಹೊಡೆದು ಉರುಳಿಸಿದ ಮಣ್ಣು, ಟ್ರೋಫಿಗೆ ಸ್ಥಳೀಯ ಮುಖಂಡರ ದೇಣಿಗೆ. ಬ್ಯಾನರಿನಲ್ಲಿ ಆ ಮುಖಂಡರ ಮುಖ ಟ್ರೋಫಿಗಿಂತ ದೊಡ್ಡದು. ಕಾಮೆಂಟ್ರಿ ಕನ್ನಡದಲ್ಲಿ ಶುರುವಾಗಿ, ದಖನಿಗೆ ಹೊರಳಿ, ಸಿಕ್ಸ್ ಬಿದ್ದಾಗ ಮರಾಠಿಯಲ್ಲಿ ಮುಗಿಯುತ್ತದೆ. ಆ ಎರಿ ಮಣ್ಣಿನಲ್ಲಿ ಯಾರ್ಕರ್ ಹಾಕುವ ಹುಡುಗರಿದ್ದಾರೆ. ಅವರಿಗೆ ಲೆದರ್ ಬಾಲ್ ಕೈಗೆ ಸಿಗುವ ಹೊತ್ತಿಗೆ ವಯಸ್ಸು ಇಪ್ಪತ್ತು ದಾಟಿರುತ್ತದೆ. ಆಮೇಲೆ ವಲಯ ಮಟ್ಟದ ಆಯ್ಕೆಗೆ ಹೋಗಿ ಬಂದು ದ್ರಾಕ್ಷಿ ಹುಳಿಯೆಂದುಕೊಂಡು ಪುಣೆ ಬಸ್ ಹತ್ತುತ್ತಾರೆ. ನಿಮ್ಮ ಪ್ಲೇಆಫ್ ಅವಕಾಶವನ್ನು ದಶಮಾಂಶದ ತನಕ ಬಿಡಿಸಿ ಹೇಳುವವರೂ ಇವರೇ. ಇವರಲ್ಲೊಬ್ಬ ನಿಮ್ಮ ತಂಡ ಸೇರುವ ಅವಕಾಶ ಎಷ್ಟೆಂಬ ಲೆಕ್ಕವನ್ನು ಮಾತ್ರ ಈವರೆಗೆ ಯಾರೂ ಹಾಕಿ ತೋರಿಸಿಲ್ಲ.

ಆದ್ದರಿಂದ ನಮ್ಮ ಬೇಡಿಕೆ ಬಹಳ ಸಣ್ಣದು. ಕಪ್ ಕೇಳುತ್ತಿಲ್ಲ, ಅದನ್ನು ಒಮ್ಮೆ ಕೊಟ್ಟಿದ್ದೀರಿ. ಫೈನಲ್ ಕೇಳುತ್ತಿಲ್ಲ, ಅದು ದೊಡ್ಡವರ ಊರಿಗೇ ಇರಲಿ. ಹತ್ತು ಲೀಗ್ ಪಂದ್ಯದಲ್ಲಿ ಒಂದನ್ನು ಕಲಬುರಗಿಯಲ್ಲಿ ಆಡಿ. ದೀಪವಿಲ್ಲದಿದ್ದರೆ ಹಗಲಿನಲ್ಲಿ ಆಡಿ. ಆಗಸ್ಟಿನ ಮಳೆ ಅಡ್ಡ ಬಂದರೆ ತೊಗರಿ ರಾಶಿಯ ಹೊತ್ತಿನಲ್ಲಿ ಒಂದು ಪ್ರದರ್ಶನ ಪಂದ್ಯವನ್ನಾದರೂ ಇಟ್ಟುಕೊಳ್ಳಿ. ಬಂದಾಗ ಸುತ್ತಲ ತಾಲ್ಲೂಕಿನ ಹುಡುಗರನ್ನು ಒಂದು ದಿನ ನೆಟ್ಸ್‌ಗೆ ಕರೆದು ಬೌಲಿಂಗ್ ಮಾಡಿಸಿ ನೋಡಿ.

ಒಳ್ಳೆಯ ಪಂದ್ಯವನ್ನೇ ಕೊಡಬೇಕೆಂದೂ ಇಲ್ಲ. ಪ್ಲೇಆಫ್ ಲೆಕ್ಕವೆಲ್ಲ ಮುಗಿದು, ಗೆದ್ದರೂ ಸೋತರೂ ಟೇಬಲ್ ಬದಲಾಗದ ಒಂದು ಪಂದ್ಯ ಪ್ರತಿ ಸೀಸನ್ನಿನಲ್ಲೂ ಯಾರಿಗಾದರೂ ಉಳಿದೇ ಉಳಿಯುತ್ತದೆ. ಅದನ್ನು ನಮಗೆ ಕೊಡಿ. ಯಾರಿಗೂ ಬೇಡವಾದ ಆ ಪಂದ್ಯಕ್ಕೆ ಟಿಕೆಟ್ ಇಟ್ಟು, ಬಸವಕಲ್ಯಾಣ ಮತ್ತು ಹುಮನಾಬಾದಿನಿಂದ ಎಷ್ಟು ಬಸ್ಸು ಬರುತ್ತವೆಂದು ಎಣಿಸಿಕೊಳ್ಳಿ.

ಇತಿ,
ನಿಮ್ಮನ್ನು ಟಿವಿಯಲ್ಲಷ್ಟೇ ಕಂಡಿರುವ ತವರಿನ ಅಭಿಮಾನಿಗಳು