ತೆಂಗಿನಕಾಯಿ ಎದ್ದು ನಿಂತ ಜಾಗ

ಅಪ್ಪ ನಮ್ಮ ಯಜಮಾನರ ಜೊತೆ ಮಾತು ಬಿಟ್ಟಿದ್ದಾರೆ. ಊಟಕ್ಕೆ ಕೂತಾಗ ಉಪ್ಪು ಬೇಕಾದರೂ "ಅಳಿಯಂದಿರಿಗೆ ಹೇಳಮ್ಮ, ಆ ಉಪ್ಪು ಈ ಕಡೆ ತಳ್ಳಲಿ" ಅಂತ ನನ್ನ ಮೂಲಕವೇ ಅರ್ಜಿ. ಉಪ್ಪಿರುವುದು ಅವರಿಬ್ಬರ ಮಧ್ಯೆ, ನಾನಿರುವುದು ಒಲೆ ಮುಂದೆ. ಜಗಳಕ್ಕೆ ಕಾರಣ ಆಸ್ತಿಯೋ ರಾಜಕೀಯವೋ ಆಗಿದ್ದರೆ ಹೇಳಿಕೊಳ್ಳುವುದಕ್ಕಾದರೂ ಮರ್ಯಾದೆ ಇರುತ್ತಿತ್ತು. ಕಾರಣ ಒಂದು ಮರ. ನ್ಯೂಜೆರ್ಸಿಯ ಎಡಿಸನ್‌ನ ನಮ್ಮ ಮನೆ ಮುಂದೆ ನೆಡಲು ತರಿಸಿದ ರಿವರ್ ಬರ್ಚ್.

ನರ್ಸರಿಯ ಗಾಡಿಯಿಂದ ಮರ ಇಳಿದಾಗ ಅಪ್ಪ ಮೇ ತಿಂಗಳಲ್ಲೂ ಮಂಕಿಕ್ಯಾಪ್ ಹಾಕಿಕೊಂಡು ಮೆಟ್ಟಿಲ ಮೇಲೆ ಕೂತಿದ್ದರು. ಎದ್ದು ಬಂದು ಒಂದು ಸುತ್ತು ಹಾಕಿದರು. ಕೆನೆಬಣ್ಣದ ಕಾಂಡ, ಮೇಲೆ ಸುಲಿದು ಜೋತುಬಿದ್ದ ತೊಗಟೆ. ಒಂದು ಚೂರು ಕಿತ್ತು ಮೂಸಿದರು. ಆಮೇಲೆ ತೀರ್ಪು: "ಇದು ನೀಲಗಿರಿ."

"ಅಲ್ಲಪ್ಪ, ಬರ್ಚು. ಈ ಕಡೆ ಹೊಳೆದಂಡೇಲಿ ಬೆಳೆಯೋ ಮರ."

"ಬಿಳೀ ಮೈ, ಸುಲಿಯೋ ಸಿಪ್ಪೆ. ನನಗೆ ನೀಲಗಿರಿ ಗುರುತು ಹೇಳಿಕೊಡಬೇಡ. ಇದಕ್ಕೆ ದುಡ್ಡು ಬೇರೆ ಕೊಟ್ಟಿದೀರಾ?" ಎಷ್ಟು ಅಂತ ನನ್ನ ಮಗ ಹೇಳಿಬಿಟ್ಟ. ಸಿಟ್ಟು ಒಂದು ಮಟ್ಟ ದಾಟಿದರೆ ಅಪ್ಪನ ಮಾತು ಕನ್ನಡ ಬಿಟ್ಟು ಹಿಂದೂಪುರದ ಬಸ್ಸು ಹತ್ತುತ್ತದೆ. ಮುಂದಿನ ಐದು ನಿಮಿಷ ಪೂರ್ತಿ ತೆಲುಗು. ಮಕ್ಕಳಿಗೆ ಏನೂ ಅರ್ಥವಾಗಲಿಲ್ಲ, ಒಳ್ಳೆಯದೇ ಆಯಿತು.

ಅಪ್ಪನನ್ನು ನೋಡಿ ನಗುವುದು ಸುಲಭ. ಆದರೆ ನೀಲಗಿರಿಯ ಮೇಲಿನ ಅವರ ಸಿಟ್ಟು ಗೌರಿಬಿದನೂರಿನ ಕಡೆ ಜಮೀನಿದ್ದ ಯಾರಿಗಾದರೂ ಗೊತ್ತಾಗುತ್ತದೆ. ಚಿಕ್ಕಬಳ್ಳಾಪುರ ಇನ್ನೂ ಕೋಲಾರ ಜಿಲ್ಲೆಯೊಳಗಿದ್ದ 1980ರ ದಶಕದಲ್ಲಿ ಸಾಮಾಜಿಕ ಅರಣ್ಯದ ಹೆಸರಿನಲ್ಲಿ ರಾಗಿ ಹೊಲಗಳೆಲ್ಲ ನೀಲಗಿರಿ ತೋಪಾದವು. ಕಳೆ ಕೀಳಬೇಕಿಲ್ಲ, ಕಾಯಬೇಕಿಲ್ಲ, ದನ ಬಾಯಿ ಹಾಕುವುದಿಲ್ಲ, ಪಲ್ಪಿಗೆ ಲಾರಿ ಮನೆ ಬಾಗಿಲಿಗೇ ಬರುತ್ತದೆ. ಅಪ್ಪನೂ ನೆಟ್ಟರು. ಅವರು ಈಜು ಕಲಿತ ಬಾವಿ ಆಮೇಲೆ ಬತ್ತಿತು. ಮರ ಕಡಿಸಿದರೆ ಬೊಡ್ಡೆ ಚಿಗುರಿತು, ಮತ್ತೆ ಕಡಿಸಿದರೆ ಮತ್ತೆ ಚಿಗುರಿತು. 2017ರಲ್ಲಿ ಸರ್ಕಾರ ನೀಲಗಿರಿ ನೆಡುವುದನ್ನೇ ನಿಷೇಧಿಸಿದ ದಿನ ಅಪ್ಪ ಪೇಪರ್ ಹಿಡಿದುಕೊಂಡು ಬೀದಿಯಲ್ಲೆಲ್ಲ ಓಡಾಡಿದ್ದರಂತೆ, ಆ ಆದೇಶಕ್ಕೆ ಸಹಿ ಹಾಕಿದ್ದೇ ತಾವು ಅನ್ನುವ ಗತ್ತಿನಲ್ಲಿ.

ಇಷ್ಟು ಗೊತ್ತಿದ್ದೂ ನಮ್ಮವರು ಬಾಯಿ ಬಿಟ್ಟರು. ಸಾಗರದ ಕಡೆಯವರು, ಮಳೆಯಲ್ಲಿ ನೆನೆದು ಬೆಳೆದವರು. "ಮಾವ, ಇಂಡಿಯಾಕ್ಕೆ ನೀಲಗಿರಿ ಬಂದಿದ್ದೇ ನಿಮ್ಮ ನಂದಿಬೆಟ್ಟಕ್ಕೆ. 1790ರ ಸುಮಾರಿಗೆ ಟಿಪ್ಪು ನೆಡಿಸಿದ್ದಂತೆ. ನಿಮ್ಮೂರವರೇ ಮೂಲಪುರುಷರು." ಅಪ್ಪ ತಟ್ಟೆ ಬಿಟ್ಟು ಎದ್ದರು. ತಟ್ಟೆಯಲ್ಲಿ ಒಂದು ಅಗುಳೂ ಉಳಿದಿರಲಿಲ್ಲ ಅನ್ನುವುದು ಬೇರೆ ಮಾತು.

ಸಮಾಧಾನಕ್ಕೆ ಮಗನನ್ನು ಕಳಿಸಿದೆ. "ತಾತ, ಬರ್ಚಿನ ಬೇರು ಆಳಕ್ಕೆ ಹೋಗಲ್ಲ. ಹೆಚ್ಚಿನದೆಲ್ಲ ಮೇಲಿನ ಒಂದೂವರೆ ಎರಡು ಅಡಿ ಮಣ್ಣಲ್ಲೇ ಇರುತ್ತೆ. ಅಗಲಕ್ಕೆ ಮಾತ್ರ ಕೊಂಬೆಗಳನ್ನೂ ದಾಟಿ ದೂರ ಹರಡುತ್ತೆ. ಅಂತರ್ಜಲ ಕುಡಿಯಲ್ಲ."

ಅರ್ಧ ಗಂಟೆ ಮುಂಚೆ ಬೇರು ಆಳಕ್ಕಿಳಿದು ಇಡೀ ನ್ಯೂಜೆರ್ಸಿಯ ನೀರು ಹೀರುತ್ತದೆ ಅಂದಿದ್ದ ಅಪ್ಪ, ಆ ಜಾಗದಲ್ಲೇ ನಿಂತು ಪಕ್ಷ ಬದಲಾಯಿಸಿದರು. "ಎರಡಡೀನಾ? ಎರಡಡಿ ಬೇರಿನದು ಒಂದು ಮರಾನಾ? ಗಾಳಿ ಬಂದರೆ ಮನೆ ಮೇಲೇ ಮಲಗುತ್ತೆ. ಮರ ಅಂದ್ರೆ ವಿದುರಾಶ್ವತ್ಥದ್ದು. ವಿದುರನೇ ನೆಟ್ಟಿದ್ದು. ದ್ವಾಪರದಿಂದ ನಿಂತಿದೆ."

ಮಗ ಫೋನ್ ನೋಡಿಕೊಂಡೇ ಹೇಳಿದ: "ಅದು 2001ರಲ್ಲೇ ಬಿದ್ದೋಯ್ತಂತೆ ತಾತ."

ಅಲ್ಲಿಂದ ಮಗನ ಜೊತೆಗೂ ಮಾತು ನಿಂತಿತು. ಐಸ್‌ಕ್ರೀಮ್ ಹೊತ್ತಿಗೆ ಮತ್ತೆ ಶುರುವಾಯಿತು.

ಇಲ್ಲಿ ನೆಲ ಅಗೆಯುವ ಮುಂಚೆ 811ಕ್ಕೆ ಫೋನ್ ಮಾಡಬೇಕು. ಯಾರಾದರೂ ಬಂದು ನೆಲದಡಿಯ ಕೊಳವೆ, ತಂತಿಗಳನ್ನೆಲ್ಲ ಗುರುತು ಹಾಕಿಕೊಡುವವರೆಗೆ ಗುದ್ದಲಿ ಮುಟ್ಟುವಂತಿಲ್ಲ. "ನನ್ನ ನೆಲ ಅಗೆಯೋಕೆ ಇನ್ನೊಬ್ಬನ ಅಪ್ಪಣೆನಾ?" ಅಂತ ಅಪ್ಪ ಗೊಣಗಿದರು. ಗ್ಯಾಸಿಗೆ ಹಳದಿ, ಕರೆಂಟಿಗೆ ಕೆಂಪು, ಕುಡಿಯುವ ನೀರಿಗೆ ನೀಲಿ, ಚರಂಡಿಗೆ ಹಸಿರು ಬಣ್ಣ ಹಾಕುತ್ತಾರೆ ಅಂದಾಗ ಅಮ್ಮ ಮಾತ್ರ ಪ್ರಸನ್ನರಾದರು. "ಹೋಗಲಿ ಬಿಡಿ, ಅರಿಶಿನ ಕುಂಕುಮ ಹಾಕಿಯೇ ಅಗೀತಾರಲ್ಲ."

ಅಪ್ಪನಿಗೂ ಮಾಡಲು ಒಂದು ಕೆಲಸವಿತ್ತು: ಪಾಯಿಂಟ್ ನೋಡುವುದು. ಮರಕ್ಕೆ ನೀರು ಬೇಕು ಅಂತೀರಿ, ನೀರು ಎಲ್ಲಿದೆಯೋ ಅಲ್ಲೇ ನೆಡಿ ಅನ್ನುವುದು ಅವರ ವಾದ. ಅಂಗೈ ಮೇಲೆ ತೆಂಗಿನಕಾಯಿ ಮಲಗಿಸಿಕೊಂಡು ನಡೆದರೆ, ಕೆಳಗೆ ನೀರಿರುವ ಕಡೆ ಅದು ತಾನಾಗಿ ಎದ್ದು ನಿಲ್ಲುತ್ತದಂತೆ. ನಮ್ಮೂರ ಪಕ್ಕದ ಹೊಸೂರಿನ ವಿಚಾರವಾದಿ ಎಚ್. ನರಸಿಂಹಯ್ಯನವರ ಹೆಸರು ಹೇಳಿದರೆ ಅಪ್ಪ ಈಗಲೂ ಎದೆಯುಬ್ಬಿಸುತ್ತಾರೆ. "ಮೂಢನಂಬಿಕೆ ಅಂದ್ರೆ ಎಚ್ಚೆನ್‌ಗೆ ಆಗ್ತಿರಲಿಲ್ಲ" ಅಂದವರೇ ಅದೇ ಉಸಿರಿಗೆ "ಕಾಯಿಗೆ ಜುಟ್ಟಿರಬೇಕು ಕಣಮ್ಮ" ಅನ್ನುತ್ತಾರೆ. ಓಕ್ ಟ್ರೀ ರೋಡಿನ ಅಂಗಡಿಗಳಲ್ಲಿ ಸಿಗುವುದೆಲ್ಲ ನುಣ್ಣಗೆ ಬೋಳಿಸಿ, ಒಡೆಯಲು ಸುತ್ತ ಗೆರೆ ಕೊರೆದು, ಪ್ಲಾಸ್ಟಿಕ್ ಸುತ್ತಿದ ಕಾಯಿ. ಜುಟ್ಟಿನ ಕಾಯಿಗಾಗಿ ಅಂಗಡಿಯಿಂದ ಅಂಗಡಿಗೆ ಅಲೆದು, ಕೊನೆಗೆ ದೇವಸ್ಥಾನದಿಂದ ಒಂದನ್ನು ಕೇಳಿ ತಂದೆವು.

ಗುರುತು ಹಾಕುವವನು ಬಂದದ್ದೂ ಅಪ್ಪ ಪಾಯಿಂಟ್ ನೋಡಲು ಇಳಿದದ್ದೂ ಒಂದೇ ಹೊತ್ತಿಗೆ. ಇದನ್ನು ನೆನೆಸಿಕೊಂಡರೆ ಪಾತ್ರೆ ತೊಳೆಯುವಾಗಲೂ ನನಗೆ ನಗು ತಡೆಯಲಾಗುವುದಿಲ್ಲ. ಹುಲ್ಲಿನ ಆ ತುದಿಯಿಂದ ಅವನು ಹೊರಟ. ತಲೆಗೆ ಹೆಲ್ಮೆಟ್, ಕೈಯಲ್ಲಿ ಉದ್ದನೆಯ ಯಂತ್ರ, ಬಗ್ಗಿಸಿದ ಕತ್ತು, ಹೆಜ್ಜೆ ಮೇಲೆ ಹೆಜ್ಜೆ. ಈ ತುದಿಯಿಂದ ಅಪ್ಪ ಹೊರಟರು. ತಲೆಗೆ ಮಂಕಿಕ್ಯಾಪ್, ಕೈಯಲ್ಲಿ ತೆಂಗಿನಕಾಯಿ, ಅದೇ ಬಗ್ಗಿದ ಕತ್ತು, ಅದೇ ಹೆಜ್ಜೆ. ಇಬ್ಬರೂ ಒಬ್ಬರನ್ನೊಬ್ಬರು ನೋಡಲಿಲ್ಲ. ಎದುರು ಮನೆಯ ಕಿಟಕಿ ಪರದೆ ಸರಿಯಿತು. ನಾಯಿ ಆಡಿಸುತ್ತಿದ್ದವರು ನಿಂತರು, ನಾಯಿಯೂ ನಿಂತಿತು. ಹುಲ್ಲಿನ ನಟ್ಟನಡುವೆ ಇಬ್ಬರೂ ಎದುರಾದರು. ಮೊದಲು ಅಪ್ಪನ ಕಾಯಿ ಠಣ್ಣನೆ ಎದ್ದು ನಿಂತಿತು. ಮರುಗಳಿಗೆಯೇ ಅವನ ಯಂತ್ರ ಕಿರುಚಿತು.

ಅವನು ಕಾಯಿ ನೋಡಿದ. ಅಪ್ಪ ಯಂತ್ರ ನೋಡಿದರು. ಅವನು ಏನೂ ಅನ್ನದೆ ಡಬ್ಬಿ ತೆಗೆದು ಅಲ್ಲೇ ನೀಲಿ ಗೆರೆ ಎಳೆದ. ಗೆರೆ ಅಪ್ಪನ ಬಾಟಾ ಚಪ್ಪಲಿಯ ಮೇಲಿಂದಲೇ ಹಾದುಹೋಯಿತು. ಆ ಚಪ್ಪಲಿಯನ್ನು ಅಪ್ಪ ತೊಳೆಯಲು ಬಿಟ್ಟಿಲ್ಲ. ಅದು ಸರ್ಟಿಫಿಕೇಟಂತೆ.

"ಮಾವ, ಕಾಯಿ ನಿಂತಿದ್ದು ಮನೆಗೆ ಬರೋ ನೀರಿನ ಪೈಪಿನ ಮೇಲೆ" ಅಂದರು ನಮ್ಮವರು. "ಪೈಪಲ್ಲಿರೋದು ನೀರಲ್ಲದೆ ಹಾಲಾ?" ಅಂದರು ಅಪ್ಪ. ಉತ್ತರ ನಮ್ಮ ಹತ್ತಿರ ಇರಲಿಲ್ಲ. ದಿನಾ ವಾಕಿಂಗ್ ಹೋಗುವಾಗ ರಸ್ತೆ ಬದಿಯ ವಾಲ್ವಿನ ಮುಚ್ಚಳವನ್ನು ಅಪ್ಪ ಬಗ್ಗಿ ನೋಡುತ್ತಿದ್ದುದು ನನಗೆ ಗೊತ್ತು, ಅದನ್ನು ಹೇಳಲಿಲ್ಲ. ಸಂಜೆಯೇ ಕಥೆ ಗೌರಿಬಿದನೂರು ತಲುಪಿತು. ಮೊದಲ ಫೋನಿನಲ್ಲಿ ಯಂತ್ರ ಕಿರುಚಿತ್ತು ಅಷ್ಟೆ. ಎರಡನೆಯದರಲ್ಲಿ ಅಮೆರಿಕದವನು ಕೈಮುಗಿದ. ಚಿಂತಾಮಣಿಯ ಚಿಕ್ಕಮ್ಮನಿಗೆ ತಲುಪುವಷ್ಟರಲ್ಲಿ ಅವನು ಯಂತ್ರ ಬಿಸಾಕಿ ಕಾಯಿಯ ಬೆಲೆ ಕೇಳಿದ್ದ.

ಆ ರಾತ್ರಿ ಅಪ್ಪ ಅಡುಗೆಮನೆಗೆ ಬಂದು ಮೆಲ್ಲಗೆ ಕೇಳಿದರು: "ಆ ಪೈಪು ಎಷ್ಟು ಆಳದಲ್ಲಿದೆಯಮ್ಮ?" ಚಳಿಗೆ ಹೆಪ್ಪುಗಟ್ಟದಿರಲಿ ಅಂತ ಮೂರು ನಾಲ್ಕು ಅಡಿಗೆ ಹಾಕಿರ್ತಾರಪ್ಪ ಅಂದೆ. "ನಾಲ್ಕಡಿ" ಅಂದರು. ನಮ್ಮ ಹೊಲದಲ್ಲಿ ಇದೇ ಥರ ಕಾಯಿ ನಿಂತ ಜಾಗದಲ್ಲೇ ರಿಗ್ಗು 1200 ಅಡಿ ಇಳಿದು ಬರೀ ಬಿಳೀ ದೂಳು ಕಕ್ಕಿತ್ತು. ನಾನು ಹಾಲು ಬಿಸಿ ಮಾಡಿಕೊಟ್ಟೆ.

ಜಗಳ ಪಕ್ಕಾ ಆದದ್ದು ಆಮೇಲೆ. ನೀಲಿ ಗೆರೆಯಿಂದ ದೂರ ಒಂದು ಜಾಗ ಗೊತ್ತುಮಾಡಿದೆವು. ಜೆಟ್‌ಲ್ಯಾಗಿನ ಅಪ್ಪ ನಸುಕಿನ ನಾಲ್ಕಕ್ಕೇ ಎದ್ದು ಅಲ್ಲಿ ಗುಂಡಿ ತೋಡಿಟ್ಟರು. ತೆಂಗಿನ ಸಸಿಗೆ ತೆಗೆಯುವ ಲೆಕ್ಕ: ಮೂರಡಿ ಉದ್ದ, ಮೂರಡಿ ಅಗಲ, ಮೂರಡಿ ಆಳ, ಅಂಚು ಗಾರೆ ಕೆಲಸದಷ್ಟು ನೇರ. ಬರ್ಚಿಗೆ ಬೇಕಿರುವುದು ಇದರ ಉಲ್ಟಾ: ಬೇರಿನ ಉಂಡೆಯಷ್ಟೇ ಆಳ, ಅದರ ಎರಡು ಮೂರು ಪಟ್ಟು ಅಗಲ, ಕಾಂಡ ಬೇರಾಗಿ ಅಗಲವಾಗುವ ಬುಡ ಮಣ್ಣಿನ ಮೇಲೆ ಕಾಣಬೇಕು. ಆಳಕ್ಕೆ ಹೂತರೆ ಉಸಿರು ಕಟ್ಟುತ್ತದೆ. ಅಪ್ಪ ಸ್ನಾನಕ್ಕೆ ಹೋದಾಗ ಅಳಿಯಂದಿರು ಅರ್ಧ ಗುಂಡಿ ಮುಚ್ಚಿದರು. ಎಪ್ಪತ್ತೆರಡರ ವಯಸ್ಸಿನಲ್ಲಿ ತೋಡಿದ ಗುಂಡಿಯನ್ನು ಕೇಳದೆ ಮುಚ್ಚಬಾರದಿತ್ತು, ನಾನೂ ಹೇಳಿದೆ. ಕೇಳಿದ್ದರೆ ಮುಚ್ಚಲು ಬಿಡುತ್ತಿರಲಿಲ್ಲ ಅನ್ನುವುದೂ ನಿಜ.

ಅಷ್ಟರಲ್ಲಿ ಅಮ್ಮ ಪಕ್ಷಾಂತರ ಮಾಡಿದರು. ಹಿಮಾಲಯದ ಭೂರ್ಜ ಈ ಮರದ ದಾಯಾದಿ, ಅದರ ತೊಗಟೆಯ ಮೇಲೇ ಹಿಂದಿನವರು ಗ್ರಂಥ ಬರೆಯುತ್ತಿದ್ದರು, 1881ರಲ್ಲಿ ಬಕ್ಷಾಲಿಯಲ್ಲಿ ಸಿಕ್ಕ ಗಣಿತದ ಹಸ್ತಪ್ರತಿಯೂ ಭೂರ್ಜಪತ್ರವೇ ಅಂತ ಮಗಳು ಹೇಳಿದ್ದೇ ತಡ, ಮರಕ್ಕೆ ಕುಂಕುಮ ಬಿತ್ತು. "ನೀಲಗಿರಿಗೆ ಪೂಜೆ ಮಾಡು, ಮಾಡು" ಅಂತ ಅಪ್ಪ ಕಿಟಕಿಯಿಂದ ಹಂಗಿಸಿದರು.

ಈಗಿನ ಯುದ್ಧ ನೀರಿನದು. ಬೇರು ಮೇಲೆಯೇ ಇರುವುದರಿಂದ ಬುಡ ತಂಪಾಗಿರಬೇಕು. ಕಾಂಡಕ್ಕೆ ತಾಗದಂತೆ ಸುತ್ತ ಮರದ ಚಕ್ಕೆ ಹರಡಿದ್ದೇವೆ, ಪೈಪಿನಲ್ಲಿ ನಿಧಾನವಾಗಿ ಬಹಳ ಹೊತ್ತು ನೀರು ಬಿಡಬೇಕು. ಇದನ್ನು ಅಪ್ಪನ ಕೈಲಿ ನೋಡಲಾಗುವುದಿಲ್ಲ. "ಬೆಂಗಳೂರಿನವರು ಬಳಸಿ ಬಿಟ್ಟ ನೀರನ್ನ ಶುದ್ಧ ಮಾಡಿ ನಮ್ಮ ಜಿಲ್ಲೆ ಕೆರೆಗೆ ತುಂಬಿಸ್ತಾರೆ. ನೀವು ಕುಡಿಯೋ ನೀರನ್ನ ಮರಕ್ಕೆ ಗಂಟೆಗಟ್ಟಲೆ ಹರಿಸ್ತೀರಾ?" ನಮ್ಮವರು ನಲ್ಲಿ ತಿರುಗಿಸಿ ಒಳಗೆ ಬರುತ್ತಾರೆ, ಅಪ್ಪ ಹೊರಗೆ ಹೋಗಿ ನಿಲ್ಲಿಸುತ್ತಾರೆ. ಆಮೇಲೆ ಅಕ್ಕಿ ತೊಳೆದ ನೀರು, ಬೇಳೆ ತೊಳೆದ ನೀರು ಬಕೆಟ್ಟಿನಲ್ಲಿ ಹೊತ್ತೊಯ್ದು ತಾವೇ ಹಾಕುತ್ತಾರೆ. ಇಷ್ಟು ಬೈದ ಮರಕ್ಕೆ ದಿನಕ್ಕೆ ಎಷ್ಟು ಬಕೆಟ್ ಹೋಗುತ್ತಿದೆ ಅಂತ ಎಣಿಸುವ ಧೈರ್ಯ ನಮಗ್ಯಾರಿಗೂ ಇಲ್ಲ. ನೀರು ಸಾಲದೆ ಸೊರಗಿದರೆ ಅಂತ ನಾವು ಕೊಟ್ಟ ಉಪನ್ಯಾಸವೆಲ್ಲ ದಂಡವಾಗಿ, ಮರ ಮಾತ್ರ ಗಂಜಿ ಕುಡಿದು ಚಿಗುರಿದೆ.

ನಿನ್ನೆ ಎದುರು ಮನೆಯ ಅಜ್ಜಿ ಬಂದಿದ್ದರು. ಹಿತ್ತಲಲ್ಲಿ ಬಾವಿ ಕೊರೆಸುವ ಯೋಚನೆಯಂತೆ, ತೆಂಗಿನಕಾಯಿಯವರು ಶನಿವಾರ ಬಿಡುವಾಗಿದ್ದಾರಾ ಅಂತ ಕೇಳಿದರು. ಫೀಸು ಎಷ್ಟು ಹೇಳಲಿ ಅಂದೆ. ಅಪ್ಪ ಮಂಕಿಕ್ಯಾಪ್ ಸರಿಮಾಡಿಕೊಂಡರು. "ದುಡ್ಡು ಆಮೇಲೆ. ಪಾಯಿಂಟ್ ತೋರಿಸೋದಷ್ಟೇ ನಮ್ಮ ಕೆಲಸ, ಬೋರು ಫೇಲಾದರೆ ನಮ್ಮನ್ನ ಕೇಳಬಾರದು ಅಂತ ಇಂಗ್ಲಿಷಲ್ಲಿ ಬರೆದು ಸೈನ್ ಹಾಕಿಸ್ಕೊ."